ಓಡುತ್ತಿರುವ ಗಾಡಿ ಯಾಕೆ ಬಿಚ್ಚಿಸಬೇಕು?

ಗಾಡಿ ಚೆನ್ನಾಗಿ ಓಡುತ್ತಿರುವಾಗ ‘ಬಿಚ್ಚಿಸಿ, ಒಳಗಿನ ಬೆಲ್ಟು ಬದಲಿಸಿ’ ಎಂದರೆ ಯಾರಿಗಾದರೂ ಸಿಟ್ಟು ಬರುತ್ತದೆ. ಟೈರು ಸವೆದರೆ ಕಣ್ಣಿಗೆ ಕಾಣುತ್ತದೆ. ಬ್ರೇಕು ಹೋಗುವ ಮೊದಲು ಕಿರ್ ಅನ್ನುತ್ತದೆ. ಬ್ಯಾಟರಿ ಸಾಯುವ ಮೊದಲು ನಾಲ್ಕು ದಿನ ಬೆಳಗ್ಗೆ ಸತಾಯಿಸುತ್ತದೆ. ಟೈಮಿಂಗ್ ಬೆಲ್ಟು ಹಾಗಲ್ಲ. ಹರಿಯುವ ದಿನದವರೆಗೂ ಅದು ಬಹಳ ಸಲ ಏನೂ ಹೇಳುವುದಿಲ್ಲ. ಗಾಡಿ ಅದೇ ಪಿಕಪ್, ಅದೇ ಮೈಲೇಜ್ ಕೊಡುತ್ತಿರುತ್ತದೆ.

ನಾವು ಗದಗ ಜಿಲ್ಲೆಯ ನಾಲ್ವರು ಸ್ಟ್ರಿಂಗರ್‌ಗಳು. ನಾಲ್ವರದ್ದೂ ಬೇರೆ ಬೇರೆ ಪತ್ರಿಕೆ, ಚಾನೆಲ್ಲು. ಸುದ್ದಿಗೆ ಇಷ್ಟು ಅಂತ ದುಡ್ಡು, ಸಂಬಳವಿಲ್ಲ. ಮಲಪ್ರಭೆ ಉಕ್ಕಿ ನರಗುಂದ, ರೋಣದ ಕಡೆ ಊರುಗಳಿಗೆ ನೀರು ಬಂದಾಗ, ಮುಂಡರಗಿ ಕಡೆ ತುಂಗಭದ್ರೆಯ ದಂಡೆಯಲ್ಲಿ ಏನಾದರೂ ಆದಾಗ ಡೀಸೆಲ್ ಖರ್ಚು ಹಂಚಿಕೊಂಡು ಒಂದೇ ಗಾಡಿಯಲ್ಲಿ ಹೋಗುತ್ತೇವೆ. ಗಾಡಿ 2011ರ ಮಾಡೆಲ್ ಇನ್ನೋವಾ, ಹಳದಿ ಬೋರ್ಡು. ಓಡಿಸುವವರು ನಮಗಿಂತ ಐದಾರು ವರ್ಷ ದೊಡ್ಡವರು, ನಾವು ಅಣ್ಣಾ ಅನ್ನುತ್ತೇವೆ. ಹದಿನೈದು ವರ್ಷ ಬೇರೆಯವರ ಗಾಡಿ ಓಡಿಸಿ, ಸೊಸೈಟಿಯಲ್ಲಿ ಸಾಲ ತೆಗೆದು, ವೈನಿಯ ಬಂಗಾರ ಅಡ ಇಟ್ಟು ಇದನ್ನು ಸೆಕೆಂಡ್ ಹ್ಯಾಂಡಿನಲ್ಲಿ ಕೊಂಡವರು. ಕೊಂಡ ದಿನ ಮೀಟರಿನಲ್ಲಿ 1,18,640 ಕಿಲೋಮೀಟರ್ ಇತ್ತು. ‘ಇಷ್ಟು ಕಡಿಮಿ ಓಡಿದ ಗಾಡಿ ಸಿಗೂದಿಲ್ರಿ’ ಅಂತ ಊರೆಲ್ಲ ಪೇಢಾ ಹಂಚಿದ್ದರು.

ಒಂದು ದಿನ ನರಗುಂದದ ಹತ್ತಿರ ಗಾಜು ತೊಳೆಯುವ ನೀರು ಹಾಕಲು ಬಾನೆಟ್ ಎತ್ತಿದಾಗ ಒಂದು ಚೀಟಿ ಸಿಕ್ಕಿತು. ಗ್ಯಾರೇಜಿನವರು ಎಂಜಿನ್ ಆಯಿಲ್ ಬದಲಿಸಿದಾಗ ತಂತಿಗೆ ಕಟ್ಟಿಬಿಡುತ್ತಾರಲ್ಲ, ಅಂಥದ್ದು. ಧೂಳು, ಎಣ್ಣೆ ಹತ್ತಿ ಕರ‍್ರಗಾಗಿತ್ತು. ಸುದ್ದಿಯವರ ಚಟ, ಒರೆಸಿ ಓದಿದೆವು. ತಾರೀಖು ಅಳಿಸಿಹೋಗಿತ್ತು. ಅಂಕಿ ಉಳಿದಿತ್ತು: ಇಂದಿನ ಕಿ.ಮೀ. 1,86,210, ಮುಂದಿನ ಆಯಿಲ್ 1,96,210. ಆ ಹೊತ್ತಿಗೆ ನಮ್ಮೆದುರಿನ ಮೀಟರು 1,24,000 ಚಿಲ್ಲರೆ ತೋರಿಸುತ್ತಿತ್ತು.

ಗಾಡಿ ಮುಂದಕ್ಕೆ ಓಡುತ್ತದೆ, ಮೀಟರು ಹಿಂದಕ್ಕೆ ಓಡಿದೆ. ಅಣ್ಣ ಚೀಟಿಯನ್ನು ಎರಡು ಸಲ ತಿರುಗಿಸಿ ನೋಡಿ ಕಿಸೆಗೆ ಹಾಕಿಕೊಂಡರು. ಗದಗ ಮುಟ್ಟುವವರೆಗೆ ಮಾತಾಡಲಿಲ್ಲ.

ಮೋಸ ಎಷ್ಟರದು ಎನ್ನುವುದು ಒಂದು ಮಾತು. ನಮಗೆ ಅದಕ್ಕಿಂತ ದೊಡ್ಡ ಚಿಂತೆ ಬೇರೆ ಇತ್ತು. ಟೈಮಿಂಗ್ ಬೆಲ್ಟಿನ ವಯಸ್ಸು ತಿಳಿಯಲು ಮಾಲೀಕನ ಕೈಯಲ್ಲಿರುವುದು ಕಿಲೋಮೀಟರ್ ಲೆಕ್ಕ, ವರ್ಷದ ಲೆಕ್ಕ ಇವೆರಡೇ. ಇಲ್ಲಿ ಮೊದಲನೆಯದು ಸುಳ್ಳು, ಎರಡನೆಯದು ಬರೆದಿಟ್ಟಿಲ್ಲ.

ಇದು ಯಾವ ಬೆಲ್ಟು ಅಂತ ಕೇಳುವವರಿಗೆ ಒಂದು ಮಾತು. ಹಿಟ್ಟಿನ ಗಿರಣಿಯ ಪಟ್ಟಾ ನೋಡಿದ್ದೀರಿ. ಅದು ಹರಿದರೆ ಕಲ್ಲು ನಿಲ್ಲುತ್ತದೆ, ಜೋಳದ ಡಬ್ಬಿ ಅಲ್ಲೇ ಬಿಟ್ಟು ಬರುತ್ತೀರಿ, ಸಂಜೆ ಹೊತ್ತಿಗೆ ಹೊಸ ಪಟ್ಟಾ ಹಾಕಿರುತ್ತಾರೆ. ಬಾನೆಟ್ ಎತ್ತಿದ ಕೂಡಲೇ ಕಾಣುವ ಫ್ಯಾನ್ ಬೆಲ್ಟು ಆ ಜಾತಿಯದು. ಟೈಮಿಂಗ್ ಬೆಲ್ಟು ಕವರಿನ ಒಳಗೆ ಇರುತ್ತದೆ, ಅದಕ್ಕೆ ಹಲ್ಲುಗಳಿವೆ. ಪಿಸ್ಟನ್ನು ಮೇಲೆ ಬರುವುದಕ್ಕೂ ವಾಲ್ವು ಕೆಳಗೆ ತೆರೆಯುವುದಕ್ಕೂ ತಾಳ ಹಾಕುವುದು ಅದರ ಕೆಲಸ. ಕ್ರ್ಯಾಂಕು ಎರಡು ಸುತ್ತು ತಿರುಗಿದರೆ ವಾಲ್ವು ತೆರೆಸುವ ಕ್ಯಾಮು ಒಂದೇ ಸುತ್ತು ತಿರುಗಬೇಕು. ಎಂಜಿನ್ 2,400 ಆರ್‌ಪಿಎಂನಲ್ಲಿ ಓಡುತ್ತಿದ್ದರೆ ಒಂದೊಂದು ವಾಲ್ವೂ ಸೆಕೆಂಡಿಗೆ 20 ಸಲ ತೆರೆದು ಮುಚ್ಚುತ್ತದೆ. ಡೀಸೆಲ್ ಎಂಜಿನಿನಲ್ಲಿ ಪಿಸ್ಟನ್ನು ಪೂರ್ತಿ ಮೇಲೆ ಬಂದಾಗ ಮೇಲಿನ ಜಾಗ ಬಹಳ ಚಿಕ್ಕದು. ಬೆಲ್ಟು ಹರಿಯಿತೋ, ಕ್ಯಾಮು ಇದ್ದಲ್ಲೇ ನಿಲ್ಲುತ್ತದೆ, ಆದರೆ ಗಾಡಿಯ ಓಟಕ್ಕೆ ಕ್ರ್ಯಾಂಕು ಇನ್ನೂ ತಿರುಗುತ್ತಿರುತ್ತದೆ. ತೆರೆದುಕೊಂಡೇ ನಿಂತ ವಾಲ್ವಿಗೆ ಪಿಸ್ಟನ್ನು ಬಂದು ಗುದ್ದುತ್ತದೆ. ವಾಲ್ವು ಬಾಗುತ್ತದೆ, ಹೆಡ್ ಇಳಿಸಬೇಕಾಗುತ್ತದೆ, ಒಮ್ಮೊಮ್ಮೆ ಪಿಸ್ಟನ್ನೂ ಹೋಗುತ್ತದೆ. ಪಟ್ಟಾ ಹೊಲಿದು ಮುಂದೆ ಹೋಗುವ ಮಾತೇ ಇಲ್ಲ.

ಎಲ್ಲ ಗಾಡಿಗೂ ಈ ಬೆಲ್ಟು ಇರುವುದಿಲ್ಲ. ಸ್ವಿಫ್ಟು, ಡಿಜೈರಿನ 1.3 ಡೀಸೆಲ್ ಎಂಜಿನಿನಲ್ಲಿ ಇರುವುದು ಚೈನು. 2016ರಲ್ಲಿ ಬಂದ ಇನ್ನೋವಾ ಕ್ರಿಸ್ಟಾದ ಡೀಸೆಲ್ಲಿನಲ್ಲೂ ಚೈನೇ. ಅದಕ್ಕೂ ಮೊದಲಿನ, 2005ರಿಂದ ಬಿಡದಿಯಿಂದ ಹೊರಬಂದ 2.5 ಲೀಟರ್ ಟರ್ಬೊ ಡೀಸೆಲ್ ಇನ್ನೋವಾಗಳಲ್ಲಿ ಬೆಲ್ಟಿದೆ. ಡಸ್ಟರ್, ವೆರಿಟೊದ 1.5 ಡೀಸೆಲ್ಲಿನಲ್ಲೂ ಬೆಲ್ಟು. ನಿಮ್ಮ ಗಾಡಿಯ ಪುಸ್ತಕದಲ್ಲಿ ಬರೆದಿರುತ್ತದೆ, ಎಷ್ಟು ಕಿಲೋಮೀಟರಿಗೆ ಬದಲಿಸಬೇಕು ಅಂತಲೂ ಇರುತ್ತದೆ. ಇಂಥ ಗಾಡಿಗಳಲ್ಲಿ ಸಾಮಾನ್ಯವಾಗಿ ಒಂದು ಲಕ್ಷದಿಂದ ಒಂದೂವರೆ ಲಕ್ಷದ ಆಸುಪಾಸು. ಕಿಲೋಮೀಟರ್ ಆಗದಿದ್ದರೂ ರಬ್ಬರಿಗೆ ವಯಸ್ಸಾಗುತ್ತದೆ. ಎಂಜಿನಿನ ಬಿಸಿಯಲ್ಲಿ ವರ್ಷಗಟ್ಟಲೆ ಕೂತ ರಬ್ಬರು ಮನೆಯ ನಳದ ವಾಶರ್ ಇದ್ದ ಹಾಗೆ, ಒಣಗಿ ಬಿರಿಯುತ್ತದೆ.

ಅಣ್ಣ ಸುಲಭಕ್ಕೆ ಒಪ್ಪಲಿಲ್ಲ. ‘ಟಿ-ಬೆಲ್ಟ್ ಲೈಟ್ ಹತ್ತಿಲ್ಲಲ್ರಿ ಸರ. ಹತ್ತಿದಾಗ ಮಾಡ್ಸಿದ್ರಾತು. ಗಾಡಿ ಛಲೋ ಓಡಾಕತ್ತೈತಿ, ಸುಮ್ನ ಯಾಕ ಕೈ ಹಚ್ಚೂದು?’

ಆ ಲೈಟಿನ ವಿಷಯ ಎಲ್ಲ ಹಳೆಯ ಇನ್ನೋವಾ ಮಾಲೀಕರೂ ತಿಳಿದುಕೊಳ್ಳಬೇಕಾದ್ದು. ಮೀಟರಿನ ಪಕ್ಕ ಹತ್ತುವ ಆ ಲೈಟು ಬೆಲ್ಟನ್ನು ನೋಡುವುದೇ ಇಲ್ಲ. ಬೆಲ್ಟು ಬಿರಿದಿದೆಯೋ, ಎಣ್ಣೆ ಹತ್ತಿದೆಯೋ ಅದಕ್ಕೆ ಗೊತ್ತಿಲ್ಲ. ಅದು ಬರೀ ಕಿಲೋಮೀಟರ್ ಎಣಿಸುತ್ತದೆ. ಹೊಸ ಬೆಲ್ಟು ಹಾಕಿದ ಮೇಲೆ ಮಿಸ್ತ್ರಿ ಅದನ್ನು ಸೊನ್ನೆ ಮಾಡುತ್ತಾನೆ, ಲೆಕ್ಕ ಮತ್ತೆ ಶುರುವಾಗುತ್ತದೆ. ಬೆಲ್ಟು ಹಾಕದೆಯೂ ಸೊನ್ನೆ ಮಾಡಬಹುದು. ಮೀಟರನ್ನೇ ಹಿಂದಕ್ಕೆ ತಿರುಗಿಸಿದವರಿಗೆ ಅದೇನು ದೊಡ್ಡ ಮಾತೇ? ಲೈಟು ಹತ್ತಿಲ್ಲ ಎಂದರೆ ಬೆಲ್ಟು ಗಟ್ಟಿಯಾಗಿದೆ ಅಂತಲ್ಲ.

ಅಣ್ಣನ ಹಿಂಜರಿಕೆ ನಮಗೆ ತಿಳಿಯದ್ದೇನಲ್ಲ. ಕೆಟ್ಟಾಗ ರಿಪೇರಿಗೆ ಹೇಗೋ ದುಡ್ಡು ಹೊಂದಿಸುತ್ತೇವೆ, ಕೈಗಡವಾದರೂ ತರುತ್ತೇವೆ. ಕೆಡದೇ ಇರುವುದಕ್ಕೆ ಹತ್ತು ಹನ್ನೆರಡು ಸಾವಿರ ಕೊಡು ಅಂದರೆ ಕೈ ಬರುವುದಿಲ್ಲ. ಅದೂ ಸಾಲದ ಕಂತಿನ ವಾರದಲ್ಲಿ. ಆದರೆ ಮುಂದಿನ ಸೋಮವಾರಕ್ಕೆ ಒಂದು ಬುಕಿಂಗ್ ಇತ್ತು. ಗದಗಿನ ಒಂದು ಕುಟುಂಬ, ಮುದುಕರು ಮಕ್ಕಳು ಸೇರಿ ಏಳು ಜನ, ಗೋಕರ್ಣಕ್ಕೆ. ದಾರಿ ಯಲ್ಲಾಪುರ ದಾಟಿ ಅರಬೈಲು ಘಟ್ಟ ಇಳಿಯುವುದು. ಇಳಿಜಾರಿನಲ್ಲಿ ಎಂಜಿನ್ ಸತ್ತರೆ ಸ್ಟಿಯರಿಂಗ್ ಕಲ್ಲಿನಂತೆ ಬಿಗಿಯಾಗುತ್ತದೆ. ಬ್ರೇಕು ಎರಡು ಮೂರು ಸಲ ಒತ್ತುವವರೆಗೆ ಹಿಡಿಯುತ್ತದೆ, ಆಮೇಲೆ ಪೂರ್ತಿ ಬಲ ಹಾಕಿ ತುಳಿಯಬೇಕು. ಎದುರಿಗೆ ಅಂಕೋಲಾ ಕಡೆಯಿಂದ ಲಾರಿಗಳು ಹತ್ತುತ್ತಿರುತ್ತವೆ. ಇದನ್ನು ನಾವು ಬಿಡಿಸಿ ಹೇಳುವಾಗ ವೈನಿ ಚಹಾ ತಂದು ಅಲ್ಲೇ ನಿಂತಿದ್ದರು. ‘ಬಂಗಾರ ಅಡ ಇಟ್ಟಿದ್ದು ನಂದು. ಗಾಡಿ ಬಿಚ್ಚಸ್ರಿ’ ಅಂದರು. ಮಾತು ಅಲ್ಲಿಗೆ ಮುಗಿಯಿತು.

ಶುಕ್ರವಾರ ಹುಬ್ಬಳ್ಳಿಗೆ ಬಸ್ಸಿನಲ್ಲಿ ಹೋಗಿ ಸಾಮಾನು ತಂದೆವು. ಬರೀ ಬೆಲ್ಟು ತರಬೇಡಿ, ಅದನ್ನು ಬಿಗಿ ಹಿಡಿಯುವ ಟೆನ್ಷನರ್, ಅದು ತಾಗಿ ಓಡುವ ಬೇರಿಂಗು ಎರಡೂ ತನ್ನಿ ಅಂತ ಮಿಸ್ತ್ರಿ ಚಾಚಾ ಮೊದಲೇ ಹೇಳಿದ್ದರು. ಹಳೆಯ ಬೇರಿಂಗು ಸಿಕ್ಕಿಕೊಂಡರೆ ಹೊಸ ಬೆಲ್ಟನ್ನೂ ಹರಿಯುತ್ತದೆ. ಅಂಗಡಿಯಲ್ಲಿ ಒಂದು ಬೆಲ್ಟು ಅರ್ಧ ರೇಟಿಗೂ ಇತ್ತು, ಡಬ್ಬಿ ಅದೇ ಥರ. ಮೇಲಿನ ಅಕ್ಷರ ಉಗುರಿನಿಂದ ಕೆರೆದರೆ ಏಳುತ್ತಿತ್ತು. ಬಿಟ್ಟು ಬಂದೆವು. ಇಂಥ ಬೆಲ್ಟನ್ನು ತರುವಾಗ ಮಡಚಬಾರದು, ತಿರುಚಬಾರದು, ಕಿಸೆಯಲ್ಲಿ ತುರುಕಬಾರದು. ರಬ್ಬರಿನ ಒಳಗೆ ಗಾಜಿನ ನಾರಿನ ಹುರಿಗಳಿರುತ್ತವೆ, ಮಡಚಿದರೆ ಒಳಗೊಳಗೇ ಮುರಿಯುತ್ತವೆ. ಹೊರಗೆ ಗೊತ್ತೇ ಆಗುವುದಿಲ್ಲ. ಬಸ್ಸಿನಲ್ಲಿ ನಮ್ಮಲ್ಲೊಬ್ಬರು ಡಬ್ಬಿಯನ್ನು ಮೊಟ್ಟೆಯ ಹಾಗೆ ತೊಡೆಯ ಮೇಲೆ ಇಟ್ಟುಕೊಂಡು ಬಂದರು.

ಶನಿವಾರ ಬೆಳಗ್ಗೆ ಎಂಜಿನ್ ಪೂರ್ತಿ ತಣ್ಣಗಿದ್ದಾಗ ಕೆಲಸ ಶುರು. ಚಾಚಾ ಮೊದಲು ಬ್ಯಾಟರಿಯ ಮೈನಸ್ ವೈರು ಬಿಚ್ಚಿದರು. ಅಡ್ಡ ಬಂದ ಪೈಪು, ವೈರು ಸರಿಸಿ ಕವರ್ ತೆಗೆದರು. ಈ ಎಂಜಿನಿನಲ್ಲಿ ಕ್ರ್ಯಾಂಕಿನಿಂದ ಡೀಸೆಲ್ ಪಂಪಿನವರೆಗೆ ಗೇರುಗಳಿವೆ. ಪಂಪಿನ ಕಡೆಯ ಪುಲ್ಲಿಯಿಂದ ಮೇಲಿನ ಕ್ಯಾಮಿನ ಪುಲ್ಲಿಗೆ ಮಾತ್ರ ಬೆಲ್ಟು. ಅದಕ್ಕೇ ಇದು ಉಳಿದ ಗಾಡಿಗಳಿಗಿಂತ ಸಲೀಸು. ಕೆಲವು ಗಾಡಿಗಳಲ್ಲಿ ನೀರಿನ ಪಂಪೂ ಇದೇ ಬೆಲ್ಟಿನ ಮೇಲೆ ಓಡುತ್ತದೆ. ಅಂಥಲ್ಲಿ ಬೆಲ್ಟಿನ ಜೊತೆಗೇ ಪಂಪೂ ಹಾಕಿಸುವುದು ಲೇಸು, ಇಲ್ಲದಿದ್ದರೆ ಪಂಪು ಸೋರಿದ ದಿನ ಮತ್ತೆ ಅದೇ ಬಿಚ್ಚಾಟ.

ಹಳೆಯ ಬೆಲ್ಟು ಕಂಡಾಗ ಯಾರೂ ಮಾತಾಡಲಿಲ್ಲ. ಬೆನ್ನಿನ ಮೇಲಿನ ಕಂಪನಿ ಅಕ್ಷರ ಪೂರ್ತಿ ಅಳಿಸಿತ್ತು. ಹಲ್ಲಿನ ಬುಡದಲ್ಲಿ ಕೂದಲಿನಷ್ಟು ಸಣ್ಣ ಬಿರುಕು, ಒಂದಲ್ಲ, ಸಾಲಾಗಿ. ಒಂದು ಅಂಚು ನೂಲು ಬಿಟ್ಟಿತ್ತು. ಕ್ಯಾಮಿನ ಸೀಲಿನಿಂದ ಎಣ್ಣೆ ಬೆವರಿ ಬೆಲ್ಟಿಗೆ ಹತ್ತಿತ್ತು. ಎಣ್ಣೆ ರಬ್ಬರಿಗೆ ವಿಷ, ಆ ಸೀಲನ್ನೂ ಬದಲಿಸಬೇಕಾಯಿತು. ಟೆನ್ಷನರೂ ಸೋರಿತ್ತು. ‘ಇದು ಇನ್ನೂ ಎಷ್ಟ್ ದಿನ ಬರತಿತ್ತು ಚಾಚಾ?’ ಅಂದರು ಅಣ್ಣ. ಚಾಚಾ ಬೆಲ್ಟನ್ನು ಬೆರಳಿನಲ್ಲಿ ಆಡಿಸುತ್ತ, ‘ಗೋಕರ್ಣಕ್ಕ ಹೋಗಿ ಬರತಿತ್ತೋ ಏನೋ. ಹೋಗೂದ ಒಂದ ಆಗತಿತ್ತೋ ಏನೋ’ ಅಂದರು.

ಮುಖ್ಯ ಕೆಲಸ ಇರುವುದು ಗುರುತು ಕೂಡಿಸುವುದರಲ್ಲಿ. ಬೆಲ್ಟು ತೆಗೆಯುವ ಮೊದಲೇ ಕ್ರ್ಯಾಂಕನ್ನು ಪಾನಾ ಹಾಕಿ ಕೈಯಿಂದ ತಿರುಗಿಸಿ ಕ್ಯಾಮಿನ ಪುಲ್ಲಿಯ ಗುರುತು, ಪಂಪಿನ ಪುಲ್ಲಿಯ ಗುರುತು ಎರಡೂ ತಮ್ಮ ತಮ್ಮ ಜಾಗಕ್ಕೆ ಬರುವ ಹಾಗೆ ನಿಲ್ಲಿಸಿದರು. ನಾವು ಮೊಬೈಲಿನಲ್ಲಿ ಫೋಟೊ ಹೊಡೆದುಕೊಂಡೆವು. ಬೆಲ್ಟು ಕಳಚಿದ ಮೇಲೆ ಯಾವುದನ್ನೂ ಅಲುಗಿಸುವಂತಿಲ್ಲ. ಹೊಸ ಟೆನ್ಷನರಿನ ಕಡ್ಡಿಯನ್ನು ಒಳಗೆ ತಳ್ಳಿ ಪಿನ್ನು ಸಿಕ್ಕಿಸಿರುತ್ತದೆ, ಬೆಲ್ಟು ಕೂರಿಸಿ ಬೋಲ್ಟು ಬಿಗಿದ ಮೇಲೆ ಆ ಪಿನ್ನು ಎಳೆಯಬೇಕು, ಆಗ ಬೆಲ್ಟು ತಾನೇ ಬಿಗಿಯಾಗುತ್ತದೆ. ಇಷ್ಟಾದ ಮೇಲೆ ಚಾಚಾ ಚಾವಿ ಹಾಕಲಿಲ್ಲ. ಮತ್ತೆ ಪಾನಾ ಹಿಡಿದು ಕ್ರ್ಯಾಂಕನ್ನು ಎರಡು ಸುತ್ತು ನಿಧಾನ ತಿರುಗಿಸಿ ಗುರುತು ನೋಡಿದರು. ಒಂದು ಹಲ್ಲು ಆಚೀಚೆ ಇತ್ತು. ಬಿಚ್ಚಿ, ಮತ್ತೆ ಕೂರಿಸಿ, ಮತ್ತೆ ಎರಡು ಸುತ್ತು. ಈ ಸಲ ಕೂಡಿತು. ಕೈಯಿಂದ ತಿರುಗಿಸುವಾಗ ಎಲ್ಲಾದರೂ ಗಟ್ಟಿಯಾಗಿ ತಡೆದರೆ ಬಲ ಹಾಕಬಾರದಂತೆ, ಅದು ವಾಲ್ವಿಗೆ ಪಿಸ್ಟನ್ನು ತಾಗಿದ ಸೂಚನೆ. ಚಾವಿ ತಿರುಗಿಸಿ ನೋಡುವವರಿಗೆ ಆ ಸೂಚನೆ ಸಿಗುವುದಿಲ್ಲ, ಬಿಲ್ ಸಿಗುತ್ತದೆ.

ಒಂದು ಹಲ್ಲಿನ ಮಾತು ಬಂದದ್ದಕ್ಕೆ ಟರ್ಬೊದ ಬಗ್ಗೆಯೂ ಹೇಳಬೇಕು. ಬೆಲ್ಟು ಒಂದು ಹಲ್ಲು ತಪ್ಪಿ ಕೂತರೆ ಎಷ್ಟೋ ಸಲ ಗಾಡಿ ಶುರುವಾಗುತ್ತದೆ, ಓಡುತ್ತದೆ ಕೂಡ. ಆದರೆ ಪಿಕಪ್ ಇರುವುದಿಲ್ಲ, ಹೊಗೆ ಹೆಚ್ಚು. ಇದೇ ಲಕ್ಷಣ ಟರ್ಬೊ ಕೆಟ್ಟಾಗಲೂ ಬರುತ್ತದೆ. ಬೆಲ್ಟು ಹಾಕಿಸಿಕೊಂಡು ಬಂದ ವಾರವೇ ಪಿಕಪ್ ಹೋಯಿತು ಎಂದರೆ ಟರ್ಬೊಗೆ ಕೈ ಹಚ್ಚುವ ಮೊದಲು ಕವರ್ ಬಿಚ್ಚಿ ಗುರುತು ನೋಡಿ ಅನ್ನಿ. ಟರ್ಬೊ ಬಿಚ್ಚಿಸುವ ಖರ್ಚೇ ಬೇರೆ.

ಮಧ್ಯಾಹ್ನ ಮೂರಕ್ಕೆ ಗಾಡಿ ಶುರುವಾಯಿತು. ಸಾಮಾನು, ಸೀಲು, ಕೂಲಿ ಎಲ್ಲ ಸೇರಿ 11,400 ರೂಪಾಯಿ. ಅರ್ಧ ಅಣ್ಣ ಕೊಟ್ಟರು. ಉಳಿದದ್ದು ಮುಂದಿನ ನಾಲ್ಕು ತಿಂಗಳ ಬಾಡಿಗೆಯಲ್ಲಿ ಮುರಿದುಕೊಳ್ಳುವಂತೆ ನಾವು ಹಾಕಿದೆವು. ಚಾಚಾ ಕವರಿನ ಮೇಲೆ ಬಿಳಿ ಪೇಂಟಿನಲ್ಲಿ ತಾರೀಖು ಬರೆದರು. ಕಿಲೋಮೀಟರ್ ಯಾವುದು ಬರೆಯಲಿ ಅಂತ ಕೇಳಿದರು. ಮೀಟರಿನದನ್ನೇ ಬರೆಯಿರಿ, ಇವತ್ತಿನಿಂದ ಅದು ಸುಳ್ಳು ಹೇಳುವುದಿಲ್ಲ ಅಂದೆವು. ಟಿ-ಬೆಲ್ಟ್ ಲೆಕ್ಕವನ್ನೂ ಅಂದೇ ಸೊನ್ನೆ ಮಾಡಿಸಿದೆವು.

ಸೋಮವಾರ ಗಾಡಿ ಗೋಕರ್ಣಕ್ಕೆ ಹೋಗಿ ಮಂಗಳವಾರ ರಾತ್ರಿ ಬಂತು.

ಗಾಡಿ ಮಾರಿದವರಿಗೆ ಅಣ್ಣ ಫೋನ್ ಮಾಡಿ ಚೀಟಿಯ ವಿಷಯ ಕೇಳಿದ್ದಾರೆ. ನನಗೂ ಬೇರೆಯವರೇ ಮಾರಿದ್ದು, ಮೀಟರಿನ ಸಂಗತಿ ನನಗೇನು ಗೊತ್ತು ಅಂತ ಉತ್ತರ. ಸರ್ವಿಸ್ ಸೆಂಟರಿನಲ್ಲಿ ಗಾಡಿ ನಂಬರ್ ಕೊಟ್ಟು ಹಳೆಯ ಸರ್ವಿಸ್ ದಾಖಲೆ ಕೇಳಿದ್ದೇವೆ, ಇದ್ದರೆ ಅದರಲ್ಲಿ ತಾರೀಖು, ಕಿಲೋಮೀಟರ್ ಎರಡೂ ಇರುತ್ತವೆ. ಚೀಟಿಯನ್ನು ಪ್ಲಾಸ್ಟಿಕ್ ಕವರಿಗೆ ಹಾಕಿ ಆರ್‌ಸಿಯ ಜೊತೆ ಇಟ್ಟಿದ್ದೇವೆ. ಸೊಸೈಟಿಯ ಕಂತು ಇನ್ನೂ ಹದಿನಾಲ್ಕು ಬಾಕಿ ಇವೆ.