ಕಾರಣ ಹೇಳಿ, ಸ್ವಾಮಿ

"ಗುತ್ತಿಗೆಯಲ್ಲೂ ಮೀಸಲಾತಿ ಕೊಟ್ಟಾಯ್ತಲ್ಲ, ಇನ್ನೇನ್ರೀ ಬೇಕು ನಿಮಗೆ?" ಮೊನ್ನೆ ನಮ್ಮ ಆಫೀಸಿನಲ್ಲಿ ಒಬ್ಬರು ಕೇಳಿದರು. ಟೀ ಕುಡಿಯೋ ಹೊತ್ತಲ್ಲಿ ಹೇಳಿ ಮುಗಿಸೋ ವಿಷಯ ಅಲ್ಲ. ಅದಕ್ಕೇ ಇಲ್ಲಿ ಬರೀತಿದ್ದೀನಿ.

ಇದು ಯಾರೋ ದಯೆ ತೋರಿಸಿ ಕೊಟ್ಟದ್ದಲ್ಲ. ಬಾಬಾಸಾಹೇಬರು 1942ರಲ್ಲೇ ವೈಸರಾಯ್‌ಗೆ ಕೊಟ್ಟ ಮನವಿಯಲ್ಲಿ ಸರ್ಕಾರಿ ಗುತ್ತಿಗೆಗಳಲ್ಲಿ ನಮ್ಮವರ ಪಾಲಿನ ಪ್ರಶ್ನೆ ಎತ್ತಿದ್ದರು. ಕರ್ನಾಟಕದಲ್ಲಿ ಅದು ಜಾರಿಗೆ ಬಂದದ್ದು 2017ರಲ್ಲಿ. 1999ರ ಪಾರದರ್ಶಕತೆ ಕಾಯ್ದೆಗೆ ತಿದ್ದುಪಡಿ ಮಾಡಿ, 50 ಲಕ್ಷದವರೆಗಿನ ಕಾಮಗಾರಿಗಳಲ್ಲಿ ಎಸ್ಸಿಗೆ ಶೇ. 17.15, ಎಸ್ಟಿಗೆ ಶೇ. 6.95 ಅಂದರು. 2023ರಲ್ಲಿ ಆ ಮಿತಿ 1 ಕೋಟಿಗೆ ಏರಿತು.

ಕಾಗದದ ಮೇಲೆ ಸರಿ. ಆದರೆ ಲೆಕ್ಕ ಇರೋದು ಕಾಮಗಾರಿಗಳ ಸಂಖ್ಯೆಗೆ, ಮೊತ್ತಕ್ಕಲ್ಲ. ಚರಂಡಿ ರಿಪೇರಿ ನಮ್ಮ ಪಾಲಿಗೆ ಹಾಕಿದರೂ ಸಂಖ್ಯೆ ತುಂಬುತ್ತೆ. ಸಣ್ಣ ಕೆಲಸಗಳನ್ನೆಲ್ಲ ಸೇರಿಸಿ ಒಂದು ಪ್ಯಾಕೇಜ್ ಮಾಡಿದರೆ ಮಿತಿ ದಾಟುತ್ತೆ, ಮೀಸಲಾತಿ ಅಲ್ಲಿಗೇ ಬರಲ್ಲ. ಇನ್ನು ಕೆಲವು ಕಡೆ ಲೈಸೆನ್ಸ್ ಮಾತ್ರ ನಮ್ಮವರದ್ದು. ಜೆಸಿಬಿ, ಬಂಡವಾಳ, ಬಿಲ್ಲು ಎಲ್ಲ ಬೇರೆಯವರದ್ದು. ಇವೆಲ್ಲ ನಿಮಗೆ ಗೊತ್ತಿರೋದೇ. ನಾನು ಹೇಳಬೇಕಾದ್ದು ಬೇರೆ.

ನಮ್ಮ ಕೇರಿಯ ಹುಡುಗನೊಬ್ಬ ಗುತ್ತಿಗೆದಾರ ಅಂತ ನೋಂದಣಿ ಮಾಡಿಸಿಕೊಂಡಿದ್ದಾನೆ. ಅವ್ವನ ಓಲೆ ಅಡ ಇಟ್ಟು ಇಎಂಡಿ ಕಟ್ಟಿ, ಒಂದು ಸ್ಥಳೀಯ ಸಂಸ್ಥೆಯ ಟೆಂಡರ್‌ಗೆ ಹಾಕಿದ. ಒಂದು ಸಂಜೆ ಫೋನ್ ಬಂತು: "ಅಣ್ಣ, ಟೆಕ್ನಿಕಲ್‌ನಲ್ಲೇ ರಿಜೆಕ್ಟ್ ಅಂತ ತೋರಿಸ್ತಿದೆ." ಯಾಕೆ ಅಂತ ಇಲ್ಲ. ಇಬ್ಬರೂ ಹೋಗಿ ಕೇಳಿದ್ವಿ. "ಅದು ಕಮಿಟಿ ತೀರ್ಮಾನ ಕಣ್ರೀ" ಅಂದರು.

ಕಾಯ್ದೆಯ 16ನೇ ಕಲಂ ಪ್ರಕಾರ ಮೇಲ್ಮನವಿಗೆ 30 ದಿನ. ಮಾಹಿತಿ ಹಕ್ಕಿನಲ್ಲಿ ಕಾರಣ ಕೇಳಿದರೆ ಉತ್ತರ ಕೊಡೋಕೆ ಅವರಿಗೂ 30 ದಿನ. ಈ ಎರಡು ಮೂವತ್ತರ ನಡುವೆ ಸಿಕ್ಕಿಕೊಂಡವನೇ ನಮ್ಮ ಹುಡುಗ. ಗಡುವಿನೊಳಗೆ ಮೇಲ್ಮನವಿ ಹಾಕಿದ್ವಿ. ಆದರೆ ಏನಂತ ಬರೆಯೋದು? ಮಾಡಿದ ತಪ್ಪೇನು ಅಂತ ಗೊತ್ತಿದ್ದರೆ ತಾನೇ ತಪ್ಪಲ್ಲ ಅಂತ ವಾದಿಸೋದು! "ಕಾರಣ ತಿಳಿಸಿಲ್ಲ" ಅನ್ನೋದೇ ನಮ್ಮ ವಾದ ಆಯ್ತು.

ಮಾಹಿತಿ ಹಕ್ಕಿನ ಉತ್ತರ ಬಂದಾಗ ಚರಂಡಿಗೆ ಕಾಂಕ್ರೀಟ್ ಬಿದ್ದಾಗಿತ್ತು. ಕಾರಣ: ಹಿಂದಿನ ಕೆಲಸದ ಪ್ರಮಾಣಪತ್ರದಲ್ಲಿ ಮೊಹರು ಅಸ್ಪಷ್ಟ. ಕೆಲಸ ಸಿಕ್ಕವರ ಪ್ರಮಾಣಪತ್ರದ ನಕಲೂ ಜೊತೆಗಿತ್ತು. ಅದರಲ್ಲೂ ಮೊಹರು ಕಾಣಲ್ಲ.

ಸಹಜ ನ್ಯಾಯ ಅಂದರೆ ದೊಡ್ಡ ಲಾಯರ್ ಮಾತೇನಲ್ಲ. ಶಿಕ್ಷಿಸೋ ಮೊದಲು ಕೇಳು. ತನ್ನ ಕೇಸಿಗೆ ತಾನೇ ನ್ಯಾಯಾಧೀಶ ಆಗಬೇಡ. ತೀರ್ಮಾನಕ್ಕೆ ಕಾರಣ ಹೇಳು. ಇಷ್ಟೇ. ಒಬ್ಬ ಗುತ್ತಿಗೆದಾರನನ್ನು ಕಪ್ಪುಪಟ್ಟಿಗೆ ಸೇರಿಸೋ ಮೊದಲು ಅವನ ಮಾತು ಕೇಳಬೇಕು ಅಂತ ಸುಪ್ರೀಂ ಕೋರ್ಟ್ 1974ರಲ್ಲೇ ಹೇಳಿದೆ. ರಮಣ ದಯಾರಾಮ್ ಶೆಟ್ಟಿ ಪ್ರಕರಣದಲ್ಲಿ, 1979ರಲ್ಲಿ, ಟೆಂಡರ್‌ನಲ್ಲಿ ತಾನೇ ಹಾಕಿದ ಅರ್ಹತೆಯ ಷರತ್ತನ್ನು ಸರ್ಕಾರಿ ಸಂಸ್ಥೆ ಮನಬಂದಂತೆ ಬಿಟ್ಟುಕೊಡುವಂತಿಲ್ಲ ಅಂದಿದೆ. ಒಬ್ಬನ ಮೊಹರಿಗೆ ಒಂದು ಕಣ್ಣು, ಇನ್ನೊಬ್ಬನ ಮೊಹರಿಗೆ ಇನ್ನೊಂದು ಕಣ್ಣು ಇರಬಾರದು ಅಂತ ತಾನೇ ಅದರ ಅರ್ಥ?

ನಮ್ಮಜ್ಜನನ್ನು ಹೋಟೆಲಿನ ಹೊರಗೆ ನಿಲ್ಲಿಸಿದವರು ಕಾರಣ ಹೇಳಲಿಲ್ಲ. ಇವತ್ತು ಪರದೆಯ ಮೇಲೆ ಒಂದು ಪದ ಮೂಡುತ್ತೆ, ಅಲ್ಲೂ ಕಾರಣ ಇಲ್ಲ. ಜಾತಿ ಇತ್ತು ಅಂತ ಸಾಬೀತು ಮಾಡೋಕಾಗಲ್ಲ, ಇರಲಿಲ್ಲ ಅಂತ ನಂಬೋಕೂ ಆಗಲ್ಲ. ಲಿಖಿತ ಕಾರಣ ಬೇಕಿರೋದು ಅದಕ್ಕೇ.

ನಮ್ಮ ಬೇಡಿಕೆ ಸಣ್ಣದು. ತಿರಸ್ಕಾರದ ಜೊತೆಗೇ ಕಾರಣ ಪೋರ್ಟಲ್‌ನಲ್ಲಿ ಹಾಕಿ. ಎಲ್ಲ ಬಿಡ್‌ದಾರರ ತಾಂತ್ರಿಕ ಪರಿಶೀಲನಾ ಪಟ್ಟಿ ಎಲ್ಲರಿಗೂ ಕಾಣಲಿ. ಮೇಲ್ಮನವಿ ತೀರ್ಮಾನ ಆಗೋವರೆಗೆ ಕಾರ್ಯಾದೇಶ ಕೊಡಬೇಡಿ. ನಾನೂ ಗುಮಾಸ್ತನೇ. ಒಂದು ಸಾಲು ಟಿಪ್ಪಣಿ ಬರೆಯೋಕೆ ಎರಡು ನಿಮಿಷ ಸಾಕು ಅಂತ ನನಗೆ ಗೊತ್ತು.

ನಿಮ್ಮೂರಲ್ಲಿ ಹೀಗೆ ತಿರಸ್ಕೃತರಾದ ನಮ್ಮ ಹುಡುಗರಿದ್ದರೆ ಹೇಳಿ: ಮಾಹಿತಿ ಹಕ್ಕಿನ ಉತ್ತರಕ್ಕೆ ಕಾಯಬೇಡಿ, ಮೊದಲು ಮೇಲ್ಮನವಿ ಹಾಕಿ. ಕಾರಣ ಕೊಟ್ಟಿಲ್ಲ ಅನ್ನೋದೇ ಮೊದಲ ಅಂಶವಾಗಲಿ.

ಜೈ ಭೀಮ್.