ಒಳಲೆ, ಮಣ್ಣಿ ಮತ್ತು ಯಡ್ತರೆಯ ಅಜ್ಜಿಯರು

ಕುಂದಾಪುರದಿಂದ ಭಟ್ಕಳದ ಕಡೆಗೆ ಹೆದ್ದಾರಿಯಲ್ಲಿ ಹೋಗುವವರಿಗೆ ಬೈಂದೂರು ಗೊತ್ತಿರುತ್ತದೆ. ಕೊಲ್ಲೂರಿಗೆ ಹೋಗುವ ಯಾತ್ರಿಕರು ಇಳಿಯುವ ಊರು ಅದು. ಅಲ್ಲಿನ ರೈಲು ನಿಲ್ದಾಣಕ್ಕೂ ‘ಮೂಕಾಂಬಿಕಾ ರೋಡ್’ ಎಂದೇ ಹೆಸರು. ಬೈಂದೂರಿಗೆ ತಾಗಿಕೊಂಡೇ ಇರುವ ಯಡ್ತರೆಯನ್ನು ಹೆಸರು ಹಿಡಿದು ಕೇಳುವವರು ಮಾತ್ರ ಕಡಿಮೆ. 1997ರಲ್ಲಿ ದಕ್ಷಿಣ ಕನ್ನಡ ಒಡೆದು ಉಡುಪಿ ಜಿಲ್ಲೆಯಾಯಿತು, ಆಮೇಲೆ ಕುಂದಾಪುರ ತಾಲೂಕು ಒಡೆದು ಬೈಂದೂರು ತಾಲೂಕಾಯಿತು. ಹೀಗೆ ಊರಿನ ವಿಳಾಸ ಎರಡು ಸಲ ಬದಲಾಗಿದೆ. ಊರಿನ ಪಡುವಣಕ್ಕೆ ಸಮುದ್ರ, ಮೂಡಣಕ್ಕೆ ಘಟ್ಟ. ಈ ಕಿರಿದಾದ ಪಟ್ಟಿಯಲ್ಲಿ ಕುಂದಾಪ್ರ ಕನ್ನಡ ಆಡುವವರಿದ್ದಾರೆ, ಮನೆಯೊಳಗೆ ಕೊಂಕಣಿ ಮಾತಾಡುವ ಖಾರ್ವಿಗಳಿದ್ದಾರೆ, ಶಿರೂರಿನ ಕಡೆಗೆ ಹೋದರೆ ಮುಸ್ಲಿಂ ಮನೆಗಳಿವೆ. ಸ್ವಲ್ಪ ದೂರ ನಡೆಯುವಷ್ಟರಲ್ಲಿ ಮಾತು ಬದಲಾಗುತ್ತದೆ. ಹುಟ್ಟಿದ ಮಗುವಿನ ಬಾಯಿಗೆ ಮೊದಲು ಏನು ಹಾಕುತ್ತಾರೆ ಎಂಬುದೂ ಬದಲಾಗುತ್ತದೆ.

ನಾನು ಹೇಳಿಕೇಳಿ ವಿಜ್ಞಾನದ ಮೇಷ್ಟ್ರು. ಆಹಾರದ ಪಾಠ ಮಾಡುವಾಗ ಎಂಟನೇ ತರಗತಿಯ ಮಕ್ಕಳಿಗೆ ಒಂದು ಸಣ್ಣ ಕೆಲಸ ಕೊಟ್ಟಿದ್ದೆ: ‘ನಿಮ್ಮ ಮನೆಯಲ್ಲೋ ನೆರೆಮನೆಯಲ್ಲೋ ಇರುವ ಅತಿ ಚಿಕ್ಕ ಸದಸ್ಯರು ಏನು ಕುಡಿಯುತ್ತಾರೆ, ಏನು ತಿನ್ನುತ್ತಾರೆ, ಬರೆದುಕೊಂಡು ಬನ್ನಿ.’ ಮರುವಾರ ಬಂದ ನೋಟುಬುಕ್ಕುಗಳಲ್ಲಿ ಬಜೆ, ಒಳಲೆ, ಮಣ್ಣಿ, ಗಂಜಿತಿಳಿ, ಡಬ್ಬದ ಪುಡಿ ಎಲ್ಲವೂ ಇದ್ದವು. ಪಠ್ಯಪುಸ್ತಕದಲ್ಲಿ ಇವು ಯಾವುವೂ ಇಲ್ಲ. ಕುತೂಹಲ ತಡೆಯದೆ ಒಂದೆರಡು ಭಾನುವಾರ ಮಕ್ಕಳ ಜತೆ ನಾನೂ ಮನೆ ಮನೆ ಸುತ್ತಿದೆ. ‘ಹ್ವಾಯ್ ಮಾಸ್ಟ್ರೇ, ಗಂಡಸ್ರಿಗೆ ಇದೆಲ್ಲ ಎಂತಕ್ಕೆ?’ ಎಂದು ಒಬ್ಬ ಅಜ್ಜಿ ನಗಾಡಿದರು. ನಕ್ಕರೂ ಚಾಪೆ ಹಾಸಿ ಕೂರಿಸಿ ಎಲ್ಲವನ್ನೂ ಹೇಳಿದರು.

ಆ ಅಜ್ಜಿಯ ಹಟ್ಟಿಯಲ್ಲಿ ದನವಿತ್ತು. ದನ ಕರು ಹಾಕಿದಾಗ ಮೊದಲ ಎರಡು ಮೂರು ದಿನದ ಹಾಲನ್ನು ಬೆಲ್ಲ, ಏಲಕ್ಕಿ ಸೇರಿಸಿ ಹಬೆಯಲ್ಲಿ ಬೇಯಿಸಿದರೆ ಗಿಣ್ಣು. ನೆರೆಹೊರೆಗೂ ಹಂಚಿ ತಿನ್ನುವ ಪದಾರ್ಥ ಅದು. ಅದೇ ಮನೆಯಲ್ಲಿ ಹಿಂದೆ ಹೆಂಗಸರು ಹೆತ್ತಾಗ ಬರುವ ಮೊದಲ ಹಳದಿ ಹಾಲನ್ನು ಹಿಂಡಿ ಚೆಲ್ಲುತ್ತಿದ್ದರಂತೆ. ‘ಅದ್ ಕೀವಿನ್ ಹಾಂಗೆ ಇರತ್ತ್ ಮಾಸ್ಟ್ರೇ, ಅದನ್ ಹ್ಯಾಂಗ್ ಕುಡ್ಸುದ್?’ ಎಂಬುದು ಅಜ್ಜಿಯ ಪ್ರಶ್ನೆ. ಆ ಹಳದಿ ಬಣ್ಣ ಬರುವುದು ಕೆರೋಟಿನ್‌ನಿಂದ. ಮಗುವಿಗೆ ಬೇಕಾದ ‘ಎ’ ಜೀವಸತ್ವವೂ ರೋಗನಿರೋಧಕ ವಸ್ತುಗಳೂ ಆ ಕೆಲವೇ ಚಮಚ ಹಾಲಿನಲ್ಲಿ ದಟ್ಟವಾಗಿರುತ್ತವೆ. ಕರುವಿಗೆ ಗಿಣ್ಣು ಹಾಲು ಸಿಗದಿದ್ದರೆ ಬದುಕುವುದು ಕಷ್ಟ ಎಂಬುದು ಅಜ್ಜಿಗೆ ಚೆನ್ನಾಗಿ ಗೊತ್ತು. ಹಟ್ಟಿಯ ಜ್ಞಾನ ಬಾಣಂತಿಯ ಕೋಣೆಗೆ ದಾಟಿರಲಿಲ್ಲ, ಅಷ್ಟೆ.

ಇದು ನಮ್ಮ ಕರಾವಳಿಯ ಅಜ್ಜಿಯರ ತಪ್ಪು ಎಂದು ಯಾರೂ ಬೀಗಬೇಕಾಗಿಲ್ಲ. ಸುಶ್ರುತ ಸಂಹಿತೆಯೂ ಮೊದಲ ದಿನಗಳಿಗೆ ಜೇನು, ತುಪ್ಪವನ್ನೇ ಹೇಳುತ್ತದೆ. ಯುರೋಪಿನಲ್ಲೂ ಮೊದಲ ಹಾಲನ್ನು ಕೆಟ್ಟದ್ದೆಂದು ದೂರವಿಟ್ಟಿದ್ದ ಕಾಲವಿತ್ತು. ಅಲ್ಲಿ ವಿಲಿಯಂ ಕ್ಯಾಡೊಗನ್ ಎಂಬ ವೈದ್ಯ 1748ರಲ್ಲಿ ಪುಸ್ತಿಕೆ ಬರೆದು ವಾದಿಸಬೇಕಾಯಿತು. ಈಗ ಹೆರಿಗೆಗಳು ಆಸ್ಪತ್ರೆಯಲ್ಲಿ ಆಗುವುದರಿಂದ ಯಡ್ತರೆಯಲ್ಲಿ ಚೆಲ್ಲುವ ಪದ್ಧತಿ ಹೆಚ್ಚುಕಡಿಮೆ ನಿಂತಿದೆ. ಆದರೂ 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ ಹುಟ್ಟಿದ ಒಂದು ಗಂಟೆಯೊಳಗೆ ತಾಯಿಹಾಲು ಸಿಕ್ಕ ಮಕ್ಕಳು ದೇಶದಲ್ಲಿ ಶೇ. 41.8 ಮಾತ್ರ.

ಮೊದಲ ಹಾಲಿನ ಜಾಗದಲ್ಲಿ ಏನು ಕೊಡುತ್ತಿದ್ದರು? ಒಂದು ಮನೆಯಲ್ಲಿ ಚಿನ್ನ ತೇಯ್ದ ಜೇನು, ಇನ್ನೊಂದರಲ್ಲಿ ಸಕ್ಕರೆ ನೀರು. ಮುಸ್ಲಿಂ ಮನೆಗಳಲ್ಲಿ ಹಿರಿಯರು ಖರ್ಜೂರವನ್ನು ಅಗಿದು ಮಗುವಿನ ಅಂಗುಳಕ್ಕೆ ಸವರುವ ಸಂಪ್ರದಾಯ. ಮೂರು ಧರ್ಮಶಾಸ್ತ್ರ ಓದಿದವರೂ ಕೊನೆಗೆ ಬಂದು ನಿಲ್ಲುವುದು ಸಿಹಿಯ ಹತ್ತಿರವೇ! ಇವುಗಳಲ್ಲಿ ನಾನು ಖಂಡಿತವಾಗಿ ಬೇಡವೆನ್ನುವುದು ಜೇನನ್ನು. ಜೇನಿನಲ್ಲಿ ಬಾಟುಲಿಸಂ ಉಂಟುಮಾಡುವ ಸೂಕ್ಷ್ಮಾಣುವಿನ ಬೀಜಕಣಗಳಿರಬಹುದು. ದೊಡ್ಡವರ ಕರುಳು ಅದನ್ನು ಲೆಕ್ಕಕ್ಕಿಡುವುದಿಲ್ಲ, ಹಸುಳೆಯ ಕರುಳಲ್ಲಿ ಮಾತ್ರ ಅದು ಬೆಳೆದು ವಿಷ ಉತ್ಪಾದಿಸುತ್ತದೆ. ಈ ರೋಗವನ್ನು ಗುರುತಿಸಿದ್ದೇ 1976ರಲ್ಲಿ, ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ. ಒಂದು ವರ್ಷ ತುಂಬುವ ತನಕ ಜೇನು ಬೇಡ ಎಂಬ ಮಾತು ಹೀಗೆ ತೀರಾ ಹೊಸತು, ಅಜ್ಜಿಗೆ ಗೊತ್ತಿರಲು ಸಾಧ್ಯವೇ ಇರಲಿಲ್ಲ.

ಇನ್ನು ಒಳಲೆ. ಅಂಗೈಯಲ್ಲಿ ಹಿಡಿಸುವ, ಒಂದು ಬದಿಗೆ ಚುಂಚಿನಂತೆ ಚಾಚಿಕೊಂಡ ಪುಟ್ಟ ಪಾತ್ರೆ. ಉಳ್ಳವರ ಮನೆಯಲ್ಲಿ ಬೆಳ್ಳಿಯದು, ಉಳಿದವರಲ್ಲಿ ಹಿತ್ತಾಳೆ, ಈಗ ಸ್ಟೀಲು. ತಮಿಳರು ಇದನ್ನು ‘ಪಾಲಾಡೈ’ ಎನ್ನುತ್ತಾರೆ. ಬಾಟಲಿಯೂ ರಬ್ಬರಿನ ತೊಟ್ಟೂ ಬಂದಾಗ ಒಳಲೆ ಅಟ್ಟ ಸೇರಿತು. ವಿಜ್ಞಾನದ ದೃಷ್ಟಿಯಿಂದ ಇದು ಹಿಂದಕ್ಕೆ ಇಟ್ಟ ಹೆಜ್ಜೆ. ಬಾಟಲಿಯ ತಿರುಪು, ತೊಟ್ಟಿನ ತೂತು, ಮೂಲೆಗಳಲ್ಲಿ ಹಾಲಿನ ಪಸೆ ಉಳಿದು ಸೂಕ್ಷ್ಮಾಣುಗಳು ಬೆಳೆಯುತ್ತವೆ. ಒಳಲೆಗೆ ಮೂಲೆಯೇ ಇಲ್ಲ, ಕುದಿನೀರಲ್ಲಿ ತೊಳೆದರೆ ಮುಗಿಯಿತು. ತೂಕ ಕಡಿಮೆಯಿದ್ದು ಮೊಲೆ ಚೀಪಲಾರದ ಶಿಶುಗಳಿಗೆ ಆಸ್ಪತ್ರೆಗಳ ನವಜಾತ ಶಿಶು ವಿಭಾಗಗಳಲ್ಲಿ ಇವತ್ತಿಗೂ ಇದರಲ್ಲೇ ಹಾಲುಣಿಸುತ್ತಾರೆ. ಆದರೆ ಅದೇ ಒಳಲೆಯಲ್ಲಿ ಅಳುವ ಮಗುವನ್ನು ಕಾಲ ಮೇಲೆ ಅಂಗಾತ ಮಲಗಿಸಿ, ಮೂಗು ಹಿಡಿದು ಹರಳೆಣ್ಣೆ ಹೊಯ್ಯುವ ಪದ್ಧತಿಯೂ ಇತ್ತು. ಎಣ್ಣೆ ಶ್ವಾಸಕೋಶಕ್ಕೆ ಇಳಿದರೆ ನ್ಯುಮೋನಿಯಾ. ಪಾತ್ರೆ ಒಳ್ಳೆಯದು, ಹೊಯ್ಯುವ ಕೈ ಕೆಟ್ಟದ್ದು.

ನಾನು ಹೆಚ್ಚು ಹೊತ್ತು ಕುಳಿತದ್ದು ಮಣ್ಣಿ ಕಾಯಿಸುತ್ತಿದ್ದ ಮನೆಯಲ್ಲಿ. ರಾತ್ರಿ ನೆನೆಹಾಕಿದ ರಾಗಿಯನ್ನು ನುಣ್ಣಗೆ ಅರೆದು, ತೆಳುಬಟ್ಟೆಯಲ್ಲಿ ಸೋಸಿ, ಹಾಲಿನಂಥ ದ್ರವವನ್ನು ಇಟ್ಟರೆ ತಳದಲ್ಲಿ ಗಸಿ ನಿಲ್ಲುತ್ತದೆ. ಮೇಲಿನ ತಿಳಿಯನ್ನು ಚೆಲ್ಲಿ, ಗಸಿಗೆ ಹಾಲು, ಬೆಲ್ಲ ಸೇರಿಸಿ ಕೈಬಿಡದೆ ಮಗುಚುತ್ತಾ ಬೇಯಿಸಬೇಕು. ಕೈ ನಿಂತರೆ ಗಂಟು. ಘಟ್ಟದ ಮೇಲಿನವರು ಇದೇ ಗಸಿಯನ್ನು ಒಣಗಿಸಿಟ್ಟುಕೊಂಡು ‘ರಾಗಿ ಸರಿ’ ಮಾಡುತ್ತಾರೆ. ಅಂದ ಹಾಗೆ, ರಾಗಿ ನಮ್ಮ ನೆಲದಲ್ಲಿ ಹುಟ್ಟಿದ ಧಾನ್ಯವಲ್ಲ. ಸಾವಿರಾರು ವರ್ಷಗಳ ಹಿಂದೆ ಪೂರ್ವ ಆಫ್ರಿಕದ ಎತ್ತರದ ಪ್ರದೇಶಗಳಿಂದ ಬಂದದ್ದು. ಕೀನ್ಯಾ, ಉಗಾಂಡಗಳ ತಾಯಂದಿರು ಇವತ್ತಿಗೂ ಅದರ ಹಿಟ್ಟಿನಿಂದ ‘ಉಜಿ’ ಎಂಬ ಗಂಜಿ ಮಾಡಿ ಮಕ್ಕಳಿಗೆ ಕೊಡುತ್ತಾರೆ. ಅವರಲ್ಲಿ ಅದನ್ನು ಹುಳಿ ಬರಿಸುವವರೂ ಉಂಟು.

100 ಗ್ರಾಂ ರಾಗಿಯಲ್ಲಿ ಸುಮಾರು 340 ಮಿಲಿಗ್ರಾಂ ಸುಣ್ಣಾಂಶವಿದೆ, ಅಕ್ಕಿಯಲ್ಲಿ ಅದು ಹೆಸರಿಗಷ್ಟೇ. ಆದರೆ ಆ ಸುಣ್ಣಾಂಶದ ದೊಡ್ಡ ಪಾಲು ಇರುವುದು ಕಾಳಿನ ಸಿಪ್ಪೆಯಲ್ಲಿ. ಬಟ್ಟೆಯಲ್ಲಿ ಉಳಿಯುವ ಚರಟವನ್ನು ದನಕ್ಕೆ ಹಾಕಿದಾಗ ಅಷ್ಟು ಸುಣ್ಣಾಂಶವೂ ದನದ ಪಾಲು. ರಾಗಿಯನ್ನು ಮೊಳಕೆ ಕಟ್ಟಿಸಿ, ಒಣಗಿಸಿ, ಸ್ವಲ್ಪ ಹುರಿದು ಹಿಟ್ಟು ಮಾಡಿಕೊಂಡರೆ ನಷ್ಟ ಕಡಿಮೆ. ಮೊಳಕೆ ಬರುವಾಗ ಹುಟ್ಟುವ ಅಮೈಲೇಸ್ ಎಂಬ ಕಿಣ್ವ ಗಂಜಿ ಅಂಟಂಟಾಗದಂತೆ ನೋಡಿಕೊಳ್ಳುತ್ತದೆ, ಹಾಗಾಗಿ ಕಡಿಮೆ ನೀರಿನಲ್ಲಿ ಹೆಚ್ಚು ಹಿಟ್ಟು ಹಾಕಿದರೂ ಮಗು ನುಂಗಬಲ್ಲದು. ಮೈಸೂರಿನ ಸಿಎಫ್‌ಟಿಆರ್‌ಐ ವಿಜ್ಞಾನಿಗಳು 1980ರ ದಶಕದಲ್ಲೇ ಮೊಳಕೆ ರಾಗಿ ಮತ್ತು ಹೆಸರುಕಾಳಿನಿಂದ ಇಂಥ ಶಿಶು ಆಹಾರವನ್ನು ರೂಪಿಸಿದ್ದರು.

ಕಡಿಮೆ ನೀರು ಯಾಕೆ ಮುಖ್ಯ ಎಂದರೆ, ಏಳೆಂಟು ತಿಂಗಳ ಮಗುವಿನ ಹೊಟ್ಟೆ ಹಿಡಿಯುವುದು ಒಂದು ದೊಡ್ಡ ಲೋಟದಷ್ಟು, ಸುಮಾರು 200 ಮಿಲಿಲೀಟರ್. ಅದನ್ನು ಗಂಜಿತಿಳಿಯಿಂದ ತುಂಬಿಸಿದರೆ ಮಗು ತೇಗಿ ಮಲಗುತ್ತದೆ, ಮನೆಯವರಿಗೆ ಸಮಾಧಾನ. ಹೊಟ್ಟೆಗೆ ಹೋದದ್ದು ಬಹುಪಾಲು ನೀರು. ತಾಯಿಹಾಲಿನಲ್ಲಾದರೂ 100 ಮಿಲಿಲೀಟರಿಗೆ 65-70 ಕಿಲೋಕ್ಯಾಲೊರಿ ಶಕ್ತಿಯಿದೆ. ‘ಗಂಜಿತಿಳಿ ತಂಪು, ಸುಲಭವಾಗಿ ಜೀರ್ಣ’ ಎನ್ನುವ ಮಾತನ್ನು ನಾನು ಯಡ್ತರೆಯ ಎಲ್ಲ ಜಾತಿಯ ಮನೆಗಳಲ್ಲೂ ಕೇಳಿದೆ. ಬೇಳೆಯ ಕಟ್ಟಿನ ಕತೆಯೂ ಇದೇ. ಕುಚ್ಚಲಕ್ಕಿ ಗಂಜಿಯ ಅನ್ನವನ್ನೇ ಕಿವುಚಿ, ಒಂದು ಚಮಚ ತುಪ್ಪವೋ ತೆಂಗಿನೆಣ್ಣೆಯೋ ಬೆರೆಸಿದರೆ ಖರ್ಚೇನೂ ಹೆಚ್ಚಿಲ್ಲ.

ಈ ವಿಷಯದಲ್ಲಿ ಕಡಲ ಬದಿಯ ಮನೆಗಳು ನಮ್ಮಂಥ ಸಸ್ಯಾಹಾರಿಗಳಿಗಿಂತ ಮುಂದಿವೆ ಎನ್ನದೆ ವಿಧಿಯಿಲ್ಲ. ಒಂದು ಖಾರ್ವಿ ಮನೆಯಲ್ಲಿ ಅಜ್ಜಿ ಬೆಂದ ಮೀನಿನ ಮುಳ್ಳನ್ನು ಒಂದೊಂದಾಗಿ ಬಿಡಿಸಿ, ಬೆರಳಲ್ಲಿ ಮುಟ್ಟಿ ಮುಟ್ಟಿ ನೋಡಿ, ಅನ್ನದ ಜತೆ ಕಲಸಿ ಎಂಟು ತಿಂಗಳ ಮೊಮ್ಮಗನಿಗೆ ತಿನ್ನಿಸುತ್ತಿದ್ದರು. ಆರು ತಿಂಗಳ ಹೊತ್ತಿಗೆ ಮಗು ಹುಟ್ಟುವಾಗ ತಂದ ಕಬ್ಬಿಣಾಂಶದ ದಾಸ್ತಾನು ಮುಗಿಯುತ್ತದೆ. 2023ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಆರು ತಿಂಗಳಿಂದ ಎರಡು ವರ್ಷದ ಮಕ್ಕಳಿಗೆ ಮೀನು, ಮೊಟ್ಟೆ, ಮಾಂಸ ಪ್ರತಿದಿನವೂ ಇರಲಿ ಎಂದಿತು. ಆ ಅಜ್ಜಿಗೆ ಸಂಸ್ಥೆಯ ಹೆಸರೂ ಗೊತ್ತಿಲ್ಲ. ಜಪಾನೀಯರು ಮಗುವಿನ ನೂರನೇ ದಿನ ಅದರ ಮುಂದೆ ಇಡೀ ಮೀನು ಬಡಿಸಿ ತಿನ್ನಿಸಿದಂತೆ ನಟಿಸುತ್ತಾರೆ. ನಿಜವಾದ ಊಟ ಆಮೇಲೆ. ನಮ್ಮ ಕಶ್ಯಪ ಸಂಹಿತೆಯಲ್ಲಿ ಆರನೇ ತಿಂಗಳಿಗೆ ಹಣ್ಣು, ಹತ್ತಕ್ಕೆ ಅನ್ನ. ಹತ್ತರ ತನಕ ಕಾಯುವುದನ್ನು ಈಗಿನ ವೈದ್ಯರು ಒಪ್ಪುವುದಿಲ್ಲ.

ಡಬ್ಬದ ಪುಡಿಯ ಕತೆ ಬೇರೆ. 1930ರ ದಶಕದಲ್ಲಿ ಆಫ್ರಿಕದ ಗೋಲ್ಡ್ ಕೋಸ್ಟ್‌ನಲ್ಲಿ (ಈಗಿನ ಘಾನಾ) ದುಡಿಯುತ್ತಿದ್ದ ಸಿಸಿಲಿ ವಿಲಿಯಮ್ಸ್ ಎಂಬ ವೈದ್ಯೆ ‘ಕ್ವಾಶಿಯೋರ್ಕರ್’ ಎಂಬ ಸ್ಥಳೀಯ ಪದವನ್ನು ವೈದ್ಯಕೀಯಕ್ಕೆ ತಂದರು: ಎರಡನೆಯ ಮಗು ಬಂದಾಗ ಮೊಲೆಯಿಂದ ಬಿಡಿಸಿದ ಹಿರಿಯದಕ್ಕೆ ಬರುವ ಕಾಯಿಲೆ. ಅದೇ ವಿಲಿಯಮ್ಸ್ 1939ರಲ್ಲಿ ಸಿಂಗಪುರದ ರೋಟರಿ ಕ್ಲಬ್ಬಿನಲ್ಲಿ ಮಾಡಿದ ಭಾಷಣದ ಹೆಸರು ‘ಹಾಲು ಮತ್ತು ಕೊಲೆ’. ತಾಯಿಹಾಲಿನ ಬದಲು ಸಿಹಿ ಡಬ್ಬದ ಹಾಲನ್ನು ಮಾರುವುದರ ಮೇಲಿನ ಆಪಾದನೆ ಅದು. ಜಗತ್ತು ಈ ಮಾರಾಟಕ್ಕೆ ನೀತಿಸಂಹಿತೆ ರೂಪಿಸಿದ್ದು 1981ರಲ್ಲಿ, ಭಾರತ ಕಾಯ್ದೆ ಮಾಡಿದ್ದು 1992ರಲ್ಲಿ. ನಮ್ಮ ಮಕ್ಕಳಿಗೆ ನಾನು ಒಂದು ಡಬ್ಬ ತೋರಿಸಿ, ‘ಮಗುವಿನ ಚಿತ್ರ ಎಲ್ಲಿದೆ, ಹುಡುಕಿ’ ಎಂದೆ. ಸುತ್ತ ತಿರುಗಿಸಿದರೂ ಸಿಗಲಿಲ್ಲ. ಚಿತ್ರ ಹಾಕುವುದನ್ನು ಆ ಕಾಯ್ದೆ ನಿಷೇಧಿಸಿದೆ.

ಪುಡಿ ಯಾಕೆ ತರುತ್ತೀರಿ ಎಂದು ಕೇಳಿದರೆ ಸಿಗುವ ಉತ್ತರ ಅಜ್ಞಾನದ್ದಲ್ಲ, ಗಡಿಯಾರದ್ದು. ಪೇಟೆಯ ಬಟ್ಟೆ ಅಂಗಡಿಯಲ್ಲಿ ನಾಲ್ಕೈದು ಜನರ ಜತೆ ದುಡಿಯುವ ಒಬ್ಬ ಸೊಸೆ ಮೂರು ತಿಂಗಳಿಗೇ ಕೆಲಸಕ್ಕೆ ಮರಳಿದ್ದಳು. 2017ರ ತಿದ್ದುಪಡಿ ಹೆರಿಗೆ ರಜೆಯನ್ನು 26 ವಾರಕ್ಕೆ ಏರಿಸಿದೆ, ಆದರೆ ಹತ್ತು ಜನರಿಗಿಂತ ಕಡಿಮೆ ಇರುವ ಅಂಗಡಿಗೆ ಅದು ತಲುಪುವುದಿಲ್ಲ. ಬುಟ್ಟಿ ಹೊತ್ತು ಮೀನು ಮಾರುವವಳಿಗಂತೂ ರಜೆ ಕೊಡುವವರು ಯಾರು? ‘ಆರು ತಿಂಗಳು ತಾಯಿಹಾಲು ಮಾತ್ರ’ ಎಂದು ಗೋಡೆಯ ಮೇಲೆ ಬರೆಯುವುದು ಸುಲಭ.

ಆ ಸೊಸೆ ಆಸ್ಪತ್ರೆಯ ನರ್ಸ್ ಹೇಳಿಕೊಟ್ಟಂತೆ ಬೆಳಿಗ್ಗೆ ಹಾಲು ಹಿಂಡಿ ಸ್ಟೀಲ್ ಡಬ್ಬಿಯಲ್ಲಿ ಇಟ್ಟು ಹೋಗುತ್ತಾಳೆ. ತಂಪಾದ ಕೋಣೆಯಲ್ಲಿ ಅದು ಸುಮಾರು ನಾಲ್ಕು ಗಂಟೆ ಕೆಡುವುದಿಲ್ಲ. ನಮ್ಮ ಕರಾವಳಿಯ ಸೆಕೆಗೆ ಅಷ್ಟು ನೆಚ್ಚುವಂತಿಲ್ಲ, ಹಾಗಾಗಿ ಇವರದು ಫ್ರಿಜ್ಜಿನಲ್ಲಿ. ಹಿಂಡಿದ ಹಾಲು ಮಗುವಿಗೆ ಆಗುವುದಿಲ್ಲ ಎಂದು ಅತ್ತೆ ಮೊದಮೊದಲು ಒಪ್ಪಿರಲಿಲ್ಲವಂತೆ. ನಾವು ಹೋದಾಗ ಡಬ್ಬಿಯನ್ನು ಬಿಸಿನೀರಿನ ಪಾತ್ರೆಯಲ್ಲಿಟ್ಟು ಬೆಚ್ಚಗೆ ಮಾಡುತ್ತಿದ್ದರು. ಆಮೇಲೆ ಮಗುವನ್ನು ತೊಡೆಯ ಮೇಲೆ ಅರ್ಧ ಎಬ್ಬಿಸಿ ಕೂರಿಸಿಕೊಂಡು, ಅಟ್ಟದಿಂದ ಇಳಿಸಿದ ಒಳಲೆಯ ಚುಂಚನ್ನು ತುಟಿಯಂಚಿಗೆ ತಾಗಿಸಿ, ಅದು ನುಂಗುವ ತನಕ ಕಾದು, ಮತ್ತೆ ಒಂದಿಷ್ಟು ವಾಲಿಸಿದರು. ಅಂಗಡಿಯಿಂದ ಸೊಸೆ ಊಟಕ್ಕೆ ಬರಲು ಇನ್ನೂ ಎರಡು ಗಂಟೆಯಿತ್ತು.