ದೊಡ್ಡಮ್ಮನಿಗೊಂದು ವಿಶೇಷಣ

ನಿಘಂಟನ್ನು ತೆರೆಯುವವರಲ್ಲಿ ಎರಡು ಬಗೆ. ಬೇಕಾದ ಮಾತನ್ನು ನೋಡಿ ಕೂಡಲೆ ಮುಚ್ಚಿಬಿಡುವವರದು ಒಂದು ಬಗೆ. ಆ ಮಾತಿನ ನೆರೆಹೊರೆಯವರನ್ನೆಲ್ಲ ವಿಚಾರಿಸಿಕೊಳ್ಳುತ್ತ, ಬಂದ ಕೆಲಸವನ್ನೇ ಮರೆತು ಕುಳಿತುಬಿಡುವವರದು ಇನ್ನೊಂದು. ನಾವು ಎರಡನೆಯ ಪಂಗಡದವರು. ಈ ಅಭ್ಯಾಸದ ದೆಸೆಯಿಂದ ಒಲೆಯ ಮೇಲಿನ ಹಾಲು ಉಕ್ಕಿಹೋದದ್ದೂ ಉಂಟು, ಮನೆಯವರಿಂದ ಮಾತು ಕೇಳಿಸಿಕೊಂಡದ್ದೂ ಉಂಟು. ಆದರೂ ಇದೇ ಅಭ್ಯಾಸದಿಂದ ಈಚೆಗೆ ನಮಗೆ ದೊರೆತ ಒಂದು ಮಾತಿನ ವಿಚಾರವನ್ನು ವಾಚಕರ ಮುಂದಿಡಬೇಕೆನಿಸಿದೆ. ಏಕೆಂದರೆ ಆ ಮಾತು ನಾವು ತೀರಿಸದೆ ಉಳಿಸಿಕೊಂಡಿದ್ದ ಒಂದು ಹಳೆಯ ಸಾಲವನ್ನು ನೆನಪಿಗೆ ತಂದಿತು.

ಕಾಲೇಜಿನಲ್ಲಿ ಓದುತ್ತಿರುವ ನಮ್ಮ ಮಗಳು ಒಂದು ಸಂಜೆ, ಅವಳ ತಾಯಿಯ ತಂಗಿಯೊಡನೆ ದೂರವಾಣಿಯಲ್ಲಿ “ಆಂಟಿ, ಆಂಟಿ” ಎಂದು ಬಹಳ ಹೊತ್ತು ಮಾತನಾಡಿದ ತರುವಾಯ, ಪುಸ್ತಕವನ್ನು ಹಿಡಿದು ನಮ್ಮ ಬಳಿಗೆ ಬಂದಳು.

“ಅಪ್ಪಾ, ಅವಂಕ್ಯುಲರ್ ಎಂದರೇನು?”

“ಮಾವನಂಥ ಎಂದರ್ಥ. ಹಿರಿತನವೂ ಸಲುಗೆಯೂ ಕೂಡಿದ ವಾತ್ಸಲ್ಯವುಳ್ಳವನನ್ನು ಹಾಗೆ ಹೇಳುವರು. ವಯಸ್ಸಾದ ಡಾಕ್ಟರೊಬ್ಬರು ರೋಗಿಯ ಬೆನ್ನು ತಟ್ಟಿ ನಗುನಗುತ್ತ ಮದ್ದು ಕೊಟ್ಟರೆ, ಅವರ ನಡತೆ ಅವಂಕ್ಯುಲರ್.”

“ಅಂಕಲ್‌ಗೆ ಅಷ್ಟು ಚೆನ್ನಾದ ಮಾತಿದ್ದರೆ ಆಂಟಿಗೇಕಿಲ್ಲ?”

ಉತ್ತರ ನಮಗೆ ತಿಳಿದಿರಲಿಲ್ಲ. ತಿಳಿಯದೆಂದು ಮಗಳ ಮುಂದೆ ಒಪ್ಪಿಕೊಳ್ಳುವಷ್ಟು ವಿನಯವೂ ಇರಲಿಲ್ಲ. “ನೋಡಿ ಹೇಳುತ್ತೇನೆ” ಎಂದು ದೊಡ್ಡ ನಿಘಂಟನ್ನು ಕೆಳಗಿಳಿಸಿದೆವು. ಅಲ್ಲಿ ಸಿಕ್ಕಿತು ಮೆಟರ್ಟರಲ್ ಎಂಬ ವಿಶೇಷಣ. ಆಂಟ್‌ಗೆ ಸಂಬಂಧಿಸಿದ, ಆಂಟ್‌ನಂತಹ ಎಂದು ಅರ್ಥ. ಬಳಕೆ ಬಹು ಅಪೂರ್ವ, ಅದೂ ಬಹುಮಟ್ಟಿಗೆ ವಿನೋದಕ್ಕಾಗಿ. ನಾಲ್ವತ್ತು ವರ್ಷಗಳಿಂದ ಇಂಗ್ಲಿಷನ್ನು ಓದುತ್ತಿರುವ ನಾವು ಅದನ್ನು ಒಂದು ಸಲವಾದರೂ ಕಂಡಿರಲಿಲ್ಲ.

ಒಂದೇ ಮನೆತನದ ಈ ಎರಡು ಮಾತುಗಳಲ್ಲಿ ಒಂದಕ್ಕೆ ರಾಜಯೋಗವೂ ಇನ್ನೊಂದಕ್ಕೆ ಅಜ್ಞಾತವಾಸವೂ ಬಂದದ್ದು ಹೇಗೆಂದು ತಿಳಿಯಬೇಕಾದರೆ ಲ್ಯಾಟಿನ್ ಭಾಷೆಯ ಕಡೆಗೆ ಹೋಗಬೇಕು. ಹಳೆಯ ರೋಮನರು ನೆಂಟಸ್ತಿಕೆಯ ವಿಷಯದಲ್ಲಿ ನಮ್ಮಂತೆಯೇ ಕಟ್ಟುನಿಟ್ಟಿನವರು. ತಂದೆಯ ಸೋದರನು ಅವರಿಗೆ ಪತ್ರುವುಸ್. ತಾಯಿಯ ಸೋದರನು ಅವುಂಕುಲುಸ್. ತಂದೆಯ ಸೋದರಿ ಅಮಿತಾ. ತಾಯಿಯ ಸೋದರಿ ಮಾತೆರ್ತೆರಾ. (ನಮ್ಮ ಹೆಣ್ಣುಮಕ್ಕಳಿಗಿಡುವ ಅಮಿತಾ ಎಂಬ ಹೆಸರಿಗೂ ಈ ಅಮಿತಾಳಿಗೂ ಸಂಬಂಧವಿಲ್ಲ.) ಚಿಕ್ಕಪ್ಪ ದೊಡ್ಡಪ್ಪ, ಸೋದರಮಾವ, ಸೋದರತ್ತೆ, ಚಿಕ್ಕಮ್ಮ ದೊಡ್ಡಮ್ಮ ಎಂದು ನಾವು ಸಾಲಾಗಿ ಹೇಳಿದರೆ ರೋಮಿನ ಗೃಹಸ್ಥನಿಗೆ ಯಾವ ಗೊಂದಲವೂ ಆಗುತ್ತಿರಲಿಲ್ಲ. ಅವರಲ್ಲಿ ಪತ್ರುವುಸ್ ಎಂದರೆ ಗದರಿಕೆಗೆ ಗಾದೆಯಾದವನು. ಅವುಂಕುಲುಸ್ ಎಂಬುದಾದರೋ ತಾತ ಎಂಬ ಮಾತಿನ ಮುದ್ದಿನ ರೂಪ, ಎಂದರೆ ‘ಪುಟ್ಟ ತಾತ’. ಇಂಗ್ಲಿಷಿನ ಅಂಕಲ್ ಎಂಬ ಮಾತು ಹುಟ್ಟಿದ್ದು ಇವನಿಂದಲೇ. ಆದ್ದರಿಂದ ಅವಂಕ್ಯುಲರ್ ಎಂಬಲ್ಲಿ ಇಂದಿಗೂ ಸೋದರಮಾವನ ಸಲುಗೆ ಉಳಿದಿರುವುದು ಆಕಸ್ಮಿಕವಲ್ಲವೆಂದು ನಮಗೆ ತೋರುತ್ತದೆ.

ಇಂಗ್ಲಿಷರೂ ಮೊದಲು ಹೀಗೆ ಬಡವರಾಗಿರಲಿಲ್ಲ. ಅವರ ಹಳೆಯ ನುಡಿಯಲ್ಲಿ ಈ ನಾಲ್ವರಿಗೂ ಬೇರೆ ಬೇರೆ ಹೆಸರುಗಳಿದ್ದವು. ತಾಯಿಯ ಸೋದರಿಗೆ ಮೋದ್ರಿಯೆ ಎನ್ನುತ್ತಿದ್ದರು. ತಾಯಿ ಎಂಬ ಅರ್ಥದ ಮೋದೊರ್ ಎಂಬ ಮಾತು ಅದರೊಳಗೇ ಇದೆ. ೧೦೬೬ರಲ್ಲಿ ನಾರ್ಮನರು ಇಂಗ್ಲೆಂಡನ್ನು ಗೆದ್ದ ಮೇಲೆ ಫ್ರೆಂಚ್ ಮಾತುಗಳು ಒಳಹೊಕ್ಕವು. ಕ್ರಮೇಣ ಅಂಕಲ್, ಆಂಟ್ ಎಂಬ ಎರಡೇ ಬುಟ್ಟಿಗಳಲ್ಲಿ ನಾಲ್ವರು ನೆಂಟರನ್ನೂ ಅವರವರ ಗಂಡಹೆಂಡಿರನ್ನೂ ತುಂಬಿದ್ದಾಯಿತು. ಅಂಕಲ್ ಬಂದದ್ದು ತಾಯಿಯ ಕಡೆಯಿಂದ. ಆಂಟ್ ಬಂದದ್ದು ತಂದೆಯ ಕಡೆಯಿಂದ, ಅಮಿತಾ ಎಂಬುದರಿಂದ. ಹೀಗೆ ತಾಯಿಯ ಸೋದರಿಗೆ ಅವಳದೇ ಆದ ಹೆಸರು ಉಳಿಯಲಿಲ್ಲ. ಬಹು ಕಾಲದ ಮೇಲೆ, ಲ್ಯಾಟಿನ್ ಬಲ್ಲವರು ಯಾರೋ ಅವಳ ಹಳೆಯ ಹೆಸರಿನಿಂದ ಮೆಟರ್ಟರಲ್ ಎಂಬ ವಿಶೇಷಣವನ್ನು ಮಾಡಿಟ್ಟರು. ನಾಮಪದ ಮನೆಯಲ್ಲಿಲ್ಲ, ವಿಶೇಷಣ ಮಾತ್ರ ಪೆಟ್ಟಿಗೆಯಲ್ಲಿದೆ. ಜನರ ಬಾಯಿಗೆ ಅದು ಹತ್ತದಿದ್ದುದರಲ್ಲಿ ಆಶ್ಚರ್ಯವೇನು? ಇದಕ್ಕಿಂತ ಹಳೆಯದಾದ ನೊವರ್ಕಲ್ ಎಂಬ ಇನ್ನೊಂದು ವಿಶೇಷಣವೂ ಅವರಲ್ಲಿದೆ; ಮಲತಾಯಿಯಂಥ ಎಂದು ಅದರ ಅರ್ಥ. ಮಲತಾಯಿಯ ಕ್ರೌರ್ಯಕ್ಕೆ ಮೊದಲು ಮಾತು ಹುಟ್ಟಿ, ದೊಡ್ಡಮ್ಮನ ಅಕ್ಕರೆಗೆ ಅನಂತರ ಹುಟ್ಟಿತು!

ಇನ್ನು ಮಾತೆರ್ತೆರಾ ಎಂಬ ಪದದ ಒಳಗನ್ನು ನೋಡೋಣ. ಮಾತೆರ್ ಎಂದರೆ ತಾಯಿ. ನಮ್ಮ ಮಾತೃ ಶಬ್ದದ ಒಡಹುಟ್ಟು. ಉಳಿದ ತೆರಾ ಎಂಬುದು ಸಂಸ್ಕೃತದ ತರ ಪ್ರತ್ಯಯಕ್ಕೆ ಸಮನಾದುದೆಂದು ಭಾಷಾಶಾಸ್ತ್ರಜ್ಞರು ಹೇಳುವರು. ನಾವು ದಿನವೂ ಆಡುವ ‘ಇತರ’ ಎಂಬ ಮಾತಿನಲ್ಲಿರುವುದು ಇದೇ. ಎಂದ ಮೇಲೆ ಮಾತೆರ್ತೆರಾ ಎಂದರೆ ‘ಮತ್ತೊಬ್ಬ ತಾಯಿ’. ರೋಮಿನ ಪ್ರಾಚೀನ ವೈಯಾಕರಣರೂ ಅದನ್ನು ಹೀಗೆಯೇ ವಿವರಿಸಿದ್ದರು. ನಮ್ಮ ಹಿರಿಯರು ಅಮ್ಮ ಎಂಬುದಕ್ಕೆ ದೊಡ್ಡ, ಚಿಕ್ಕ ಎಂದು ಸೇರಿಸಿ ಮಾಡಿದ ಕೆಲಸವನ್ನು ಅವರು ಒಂದು ಪ್ರತ್ಯಯದಿಂದ ಮಾಡಿದರು.

ಇದು ಬರಿಯ ವ್ಯಾಕರಣವಾಗಿರಲಿಲ್ಲ. ರೋಮಿನಲ್ಲಿ ಪ್ರತಿ ವರ್ಷ ಜೂನ್ ೧೧ರಂದು ಮಾತ್ರಾಲಿಯಾ ಎಂಬ ಹಬ್ಬವಾಗುತ್ತಿತ್ತು. ಗೃಹಿಣಿಯರು ಮಾತೆರ್ ಮಾತೂತಾ ಎಂಬ ದೇವಿಯ ಗುಡಿಗೆ ಹೋಗುತ್ತಿದ್ದರು. ಗುಡಿಯಿದ್ದುದು ದನದ ಸಂತೆಯ ಬಯಲಿನಲ್ಲಿ, ಟೈಬರ್ ನದಿಗೆ ಸಮೀಪವಾಗಿ. ಅಲ್ಲಿ ಅವರು ಬೇಡಿಕೊಳ್ಳುತ್ತಿದ್ದುದು ತಮ್ಮ ಹೊಟ್ಟೆಯ ಮಕ್ಕಳಿಗಾಗಿ ಅಲ್ಲ, ಅಕ್ಕತಂಗಿಯರ ಮಕ್ಕಳಿಗಾಗಿ. ಇದೇಕೆ ಹೀಗೆ ಎಂದು ಪ್ಲುಟಾರ್ಕನು ತನ್ನ ಗ್ರಂಥದಲ್ಲಿ ಪ್ರಶ್ನೆ ಮಾಡಿ, ತಾನೇ ಉತ್ತರಗಳನ್ನೂ ಸೂಚಿಸಿದ್ದಾನೆ. ಈ ದೇವಿಯನ್ನು ಗ್ರೀಕರ ಈನೋ ಎಂಬವಳೆಂದು ತಿಳಿಯುತ್ತಿದ್ದರು. ತಂಗಿ ಸೆಮೆಲೆ ಸಿಡಿಲ ಬೆಂಕಿಯಲ್ಲಿ ಸುಟ್ಟುಹೋದಾಗ, ತಾಯಿಯಿಲ್ಲದ ಕೂಸು ಡಯೊನೈಸಸನನ್ನು ಸಾಕಿದವಳು ಈ ಈನೋ. ಅದು ಕಾರಣವಿರಬಹುದು; ಅಥವಾ ಕಥೆ ಹಾಗಿರಲಿ, ಬಂಧುಗಳಲ್ಲಿ ಪ್ರೀತಿಯನ್ನು ಬೆಳೆಸುವ ಒಳ್ಳೆಯ ಪದ್ಧತಿಯೆಂದೇ ಅದನ್ನು ಇಟ್ಟಿರಬಹುದು ಎಂದು ಅವನ ಅಭಿಪ್ರಾಯ.

ಕ್ರಿ.ಶ. ೩೪ರಿಂದ ೬೨ರವರೆಗೆ ಬದುಕಿದ್ದ ಪರ್ಸಿಯಸ್ ಎಂಬ ಕವಿ ತನ್ನ ವಿಡಂಬನ ಕಾವ್ಯದಲ್ಲಿ ಇಂಥ ಮಾತೆರ್ತೆರಾ ಒಬ್ಬಳನ್ನು ತಂದಿದ್ದಾನೆ. ದೇವರಿಗಂಜುವ ಆ ಹೆಂಗಸು ತೊಟ್ಟಿಲಿನಿಂದ ಮಗುವನ್ನೆತ್ತಿ, ನಡುಬೆರಳಿಗೆ ಉಗುಳು ಹಚ್ಚಿ, ಹಣೆಗೂ ತುಟಿಗೂ ಸವರಿ ಕೆಟ್ಟ ಕಣ್ಣು ತಾಗದಂತೆ ಕಾಯುತ್ತಾಳೆ. ಕವಿ ಅವಳನ್ನು ನೋಡಿ ನಕ್ಕಿದ್ದಾನೆ. ನಮಗೆ ನಗು ಬರಲಿಲ್ಲ. ಆ ಹೆಂಗಸನ್ನು ನಾವು ಕಂಡಿದ್ದೆವು. ಉಗುಳಿಗೆ ಬದಲಾಗಿ ಅವಳ ಮುಷ್ಟಿಯಲ್ಲಿ ಉಪ್ಪು ಮೆಣಸಿನಕಾಯಿ ಇದ್ದವು, ಅಷ್ಟೆ.

ಆ ಮಾತನ್ನು ಆಮೇಲೆ ಹೇಳುತ್ತೇವೆ. ಅದಕ್ಕೆ ಮೊದಲು ಈ ವಿಶೇಷಣವನ್ನು ಯಾರಿಗೆ ಹೇಳಬಹುದು, ಯಾರಿಗೆ ಹೇಳಬಾರದು ಎಂಬುದನ್ನು ಮಗಳೂ ನಾವೂ ಅವಳು ಓದಿದ್ದ ಕಥೆಗಳಿಟ್ಟುಕೊಂಡು ಪರೀಕ್ಷಿಸಿದೆವು. ನಿಘಂಟಿನಂತೆ ಯಾವ ಆಂಟ್‌ಗಾದರೂ ಸಲ್ಲುತ್ತದೆ. ಮೂಲವನ್ನು ನೋಡುವುದಾದರೆ ತಾಯಿಯ ಸೋದರಿಗೆ ಮಾತ್ರ ಸಲ್ಲತಕ್ಕದ್ದು. ವುಡ್‌ಹೌಸನ ಕಥೆಗಳಲ್ಲಿ ಬರ್ಟಿಯನ್ನು ನಡುಗಿಸುವ ಆಂಟ್ ಅಗಥಾ ಅವನ ತಂದೆಯ ಸೋದರಿ. ನಮ್ಮ ಲೆಕ್ಕದಲ್ಲಿ ಸೋದರತ್ತೆ. ೧೮೪೭ರಲ್ಲಿ ಪ್ರಕಟವಾದ ಜೇನ್ ಏರ್ ಕಾದಂಬರಿಯಲ್ಲಿ ಅನಾಥ ಹುಡುಗಿಯನ್ನು ಹಿಂಸಿಸುವ ಆಂಟ್ ರೀಡ್ ತಾಯಿಯ ಸೋದರನ ಹೆಂಡತಿ, ಎಂದರೆ ಸೋದರಮಾವನ ಹೆಂಡತಿ; ರಕ್ತಸಂಬಂಧವೇ ಇಲ್ಲ. ಮಾರ್ಕ್ ಟ್ವೇನನು ೧೮೭೬ರಲ್ಲಿ ಪ್ರಕಟಿಸಿದ ಟಾಮ್ ಸಾಯರನ ಕಥೆಯಲ್ಲಿ ಬರುವ ಆಂಟ್ ಪಾಲಿಯಾದರೋ ಟಾಮನ ಸತ್ತ ತಾಯಿಯ ಒಡಹುಟ್ಟಿದವಳು. ಹುಡುಗನನ್ನು ಹೊಡೆಯಲು ಕೈಯೆತ್ತಿ, ತಂಗಿಯ ಮಗನೆಂಬ ನೆನಪಾಗಿ ಕರಗುವವಳು. ಹೊಡೆಯದೆ ಬಿಟ್ಟೆನಲ್ಲಾ ಎಂದು ಮತ್ತೆ ಮರುಗುವವಳು. ಮೂವರನ್ನೂ ಇಂಗ್ಲಿಷು ಆಂಟ್ ಎಂದೇ ಕರೆದಿದೆ. ಮೆಟರ್ಟರಲ್ ಎಂಬುದು ಮೂಲಾರ್ಥದಲ್ಲಿ ಒಪ್ಪುವುದು ಕೊನೆಯವಳೊಬ್ಬಳಿಗೇ.

ಮಗಳು ನಕ್ಕು, “ನಿಮಗೂ ಒಬ್ಬರು ಆಂಟ್ ಪಾಲಿ ಇದ್ದರಲ್ಲವೇನಪ್ಪ?” ಎಂದಳು. ಆ ಮಾತಿಗೆ ನಾವು ಕೂಡಲೆ ಉತ್ತರ ಕೊಡಲಾರದೆ ಹೋದೆವು.

ನಾವು ಮೂರು ವರ್ಷದವರಾಗಿದ್ದಾಗ ನಮ್ಮ ತಾಯಿ ತೀರಿಕೊಂಡರು. ಹದಿನೈದು ದಿನ ಕಳೆದ ಮೇಲೆ ದೊಡ್ಡಮ್ಮ ನಮ್ಮನ್ನು ಸೊಂಟದಲ್ಲಿ ಎತ್ತಿಕೊಂಡು ತಮ್ಮ ಹಳ್ಳಿಗೆ ಕರೆದೊಯ್ದರು. ಅವರಿಗೆ ಇಬ್ಬರು ಮಕ್ಕಳು. ಊಟಕ್ಕೆ ಕುಳಿತಾಗ ಕೆನೆಮೊಸರು ಮೊದಲು ನಮ್ಮ ತಟ್ಟೆಗೆ ಬೀಳುತ್ತಿತ್ತು. ಒಂದು ದಿನ ಅಣ್ಣ, ಎಂದರೆ ಅವರ ಹಿರಿಯ ಮಗ, ಮುನಿಸಿಕೊಂಡು ತಟ್ಟೆಯನ್ನು ನೂಕಿದ. ದೊಡ್ಡಮ್ಮ ಅವನನ್ನು ಬೈಯಲಿಲ್ಲ. “ನಿನಗೆ ನಾನಿದ್ದೀನಿ ಕಣೋ. ಅವನಿಗೆ ಯಾರಿದ್ದಾರೆ ಹೇಳು?” ಎಂದರು. ಮಾತ್ರಾಲಿಯಾ ಹಬ್ಬದ ವಿಷಯವನ್ನು ಅವರು ಕನಸಿನಲ್ಲಿಯೂ ಕೇಳಿದವರಲ್ಲ. ವರ್ಷಕ್ಕೊಂದು ದಿನ ರೋಮಿನ ಹೆಂಗಸರು ಮಾಡುತ್ತಿದ್ದುದನ್ನು ಅವರು ದಿನಕ್ಕೆರಡು ಹೊತ್ತು ಮಾಡುತ್ತಿದ್ದರು. ನಮಗೆ ಸ್ವಲ್ಪ ಮೈ ಬಿಸಿಯಾದರೆ ಸಾಕು, ಉಪ್ಪು ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕುವರು. ಘಾಟು ಬಾರದಿದ್ದರೆ ದೃಷ್ಟಿ ಬಲವಾಗಿ ತಾಗಿದೆಯೆಂದು ಹೆದರುವರು.

ಹೈಸ್ಕೂಲಿಗೆಂದು ಪೇಟೆಗೆ ಬಂದು ವಿದ್ಯಾರ್ಥಿನಿಲಯವನ್ನು ಸೇರಿದೆವು. ಅಲ್ಲಿ ಇಂಗ್ಲಿಷ್ ಮಾತನಾಡುವ ಹುಡುಗರ ಸ್ನೇಹವಾಯಿತು. ಒಂದು ದಿನ ದೊಡ್ಡಮ್ಮ ಕೋಡುಬಳೆಯ ಡಬ್ಬಿಯನ್ನು ಸೆರಗಿನಲ್ಲಿ ಮರೆಮಾಡಿಕೊಂಡು, ಮೊದಲ ಬಸ್ಸಿಗೆ ಹೊರಟು, ಶಾಲೆಯ ಬಾಗಿಲಿಗೆ ಬಂದು ನಿಂತರು. ಮೇಷ್ಟರೊಬ್ಬರು ಅವರನ್ನು ನೋಡಿ ನಮ್ಮನ್ನು ಇಂಗ್ಲಿಷಿನಲ್ಲಿ, “ನಿನ್ನ ತಾಯಿಯೆ?” ಎಂದು ಕೇಳಿದರು. ಸ್ನೇಹಿತರು ಪಕ್ಕದಲ್ಲಿದ್ದರು. ದೊಡ್ಡಮ್ಮನ ಕಾಲಿಗೆ ಚಪ್ಪಲಿಯಿರಲಿಲ್ಲ. ನಾವು ತಲೆಯಲ್ಲಾಡಿಸಿ, “ಅಲ್ಲ ಸಾರ್, ಬರಿಯ ಆಂಟ್” ಎಂದುಬಿಟ್ಟೆವು.

ಬಸ್ಸಿಗೆ ಬಿಡಲು ಹೋಗುವಾಗ ದೊಡ್ಡಮ್ಮ ಕೇಳಿದರು:

“ಆಂಟ್ ಅಂದರೇನು ಮಗು?”

“ದೊಡ್ಡಮ್ಮ ಅಂತಲೇ.”

ಅವರು ಆ ಮಾತನ್ನು ಎರಡು ಸಲ ಬಾಯಲ್ಲಿ ಹೇಳಿಕೊಂಡರು. “ಅದರಲ್ಲಿ ಅಮ್ಮ ಎಲ್ಲಿದೆಯೋ?” ಎಂದರು. ಕೋಪದಿಂದ ಕೇಳಿದ್ದಲ್ಲ, ಅಂಗಡಿಯಲ್ಲಿ ಕೊಟ್ಟ ಚಿಲ್ಲರೆಯಲ್ಲಿ ಒಂದು ನಾಣ್ಯ ಕಡಮೆಯಾದಾಗ ಕೇಳುವಂತೆ ಕೇಳಿದರು. ಬಸ್ಸು ಬಂತು. ಅವರು ಹತ್ತಿ ಕುಳಿತರು. ಅನಂತರವೂ ಅವರು ಅನೇಕ ವರ್ಷ ಬದುಕಿದ್ದರು. ನಮ್ಮ ಮದುವೆಯಲ್ಲಿ ತಾಯಿಯ ಸ್ಥಾನದಲ್ಲಿ ನಿಂತು ಎಲ್ಲವನ್ನೂ ನಡೆಸಿದರು. ಆ ಪ್ರಶ್ನೆಯನ್ನು ಮತ್ತೆಂದೂ ಎತ್ತಲಿಲ್ಲ. ನಾವೂ ಕ್ಷಮೆ ಬೇಡಲಿಲ್ಲ. ಬೇಡಬೇಕೆಂದುಕೊಂಡಾಗಲೆಲ್ಲ, ಇಷ್ಟು ಸಣ್ಣ ಮಾತನ್ನು ಈಗೇಕೆ ಕೆದಕುವುದೆಂದು ಸುಮ್ಮನಾದೆವು. ಮಾತು ಸಣ್ಣದಾಗಿರಲಿಲ್ಲವೆಂಬುದು ಅವರು ಹೋದ ಮೇಲೆ ತಿಳಿಯಿತು.

ಇದೆಲ್ಲವನ್ನೂ ಆ ಸಂಜೆ ಮಗಳಿಗೆ ಹೇಳಿದೆವು. ತಾಯಿಯನ್ನು ಒಳಗಿಟ್ಟುಕೊಂಡ ಮಾತು ಇಂಗ್ಲಿಷಿನಲ್ಲಿಯೂ ಒಂದಿತ್ತು, ಆಗ ನಮಗೆ ಗೊತ್ತಿರಲಿಲ್ಲ ಎಂದೆವು. ಅವಳು ಉತ್ತರ ಹೇಳದೆ ನಿಘಂಟನ್ನು ತನ್ನ ಕಡೆಗೆಳೆದುಕೊಂಡು ಆಂಟ್ ಎಂಬ ಮಾತಿನ ಹುಟ್ಟನ್ನು ಹುಡುಕಿದಳು. ಬಹಳ ಹೊತ್ತಿನ ಮೇಲೆ, “ಇಲ್ಲಿ ನೋಡಪ್ಪ” ಎಂದಳು. ಆಂಟ್ ಬಂದದ್ದು ಅಮಿತಾ ಎಂಬುದರಿಂದ. ಆ ಅಮಿತಾ ಎಂಬುದಾದರೋ ತಾಯಿಯನ್ನು ಕರೆಯುವ ‘ಅಮ್ಮ’ ಎಂಬ ತೊದಲುಮಾತಿನಿಂದ ಬಂದಿರುವುದೆಂದು ವಿದ್ವಾಂಸರ ಮತ. ನಮ್ಮ ಅಮ್ಮ ಎಂಬುದಕ್ಕೂ ಅದಕ್ಕೂ ವಂಶಸಂಬಂಧವುಂಟೆಂದು ಹೇಳಲಾಗದು; ಹಸುಗೂಸಿನ ತುಟಿಗೆ ಮೊದಲು ಒದಗುವ ಉಲಿ ನಾನಾ ದೇಶಗಳಲ್ಲಿ ಇಂಥದೇ. ಆದರೂ ಉತ್ತರ ಅಲ್ಲಿಯೇ ಇತ್ತು. ದೊಡ್ಡಮ್ಮ ಕೇಳಿದ ಮಾತಿನೊಳಗೂ ಅಮ್ಮನಿದ್ದಳು. ಇಲ್ಲದೆ ಇದ್ದುದು ನಾವು ಅದನ್ನು ಆಡಿದ ರೀತಿಯಲ್ಲಿ.

ಮೆಟರ್ಟರಲ್ ಎಂಬ ಮಾತನ್ನು ಇಂಗ್ಲಿಷರು ಬಳಸಲಿ, ಬಿಡಲಿ. ಅದು ಅವರ ಮನೆಯ ವಿಚಾರ. ಅವರು ಕಳೆದುಕೊಂಡು, ಆಮೇಲೆ ಪಂಡಿತರ ಕೈಯಿಂದ ಮಾಡಿಸಿಕೊಂಡು, ಆದರೂ ಬಳಕೆಗೆ ತರಲಾರದೆ ಹೋದದ್ದು ನಮ್ಮಲ್ಲಿ ಕೂಸುಗಳ ಬಾಯಲ್ಲಿದೆ ಎಂಬುದನ್ನು ಮಾತ್ರ ನಾವು ನೆನೆಯುತ್ತೇವೆ.

ಮಾರನೆಯ ದಿನ ಸಂಜೆ ದೂರವಾಣಿ ಮೊಳಗಿತು. ಮಗಳು ಎತ್ತಿಕೊಂಡು ಸ್ವಲ್ಪ ತಡೆದು, “ಹೇಳಿ, ಚಿಕ್ಕಮ್ಮ” ಎಂದಳು. ಆ ಕಡೆಯಿಂದ ಕ್ಷಣಕಾಲ ಏನೂ ಕೇಳಿಬರಲಿಲ್ಲವಂತೆ. ಆಮೇಲೆ, “ಏನೇ ಇದು, ಇವತ್ತು ಹೊಸದಾಗಿ?” ಎಂದರಂತೆ, ಧ್ವನಿ ಒಂದಿಷ್ಟು ಒದ್ದೆಯಾಗಿತ್ತೆಂದು ಮಗಳು ಹೇಳಿದಳು.